ಮೃದಂಗ ಮುಟ್ಟಿಸದ ಮೃದಂಗ ಕ್ಲಾಸು

ಈ ಸಲದ ನವರಾತ್ರಿಗೆ ನಮ್ಮ ಏಳು ಹುಡುಗರು ದೇವಸ್ಥಾನದ ಮಂಟಪದಲ್ಲಿ ಕೊನ್ನಕ್ಕೋಲು, ಅಂದರೆ ಮೃದಂಗದ ಸೊಲ್ಲನ್ನು ಬಾಯಲ್ಲೇ, ಹೇಳಿದರು. ನಡುವೆ ಆದಿತಾಳದ ನಾಲ್ಕು ಆವರ್ತ, ಅಂದರೆ ಎಂಟು ಅಕ್ಷರದ (ಎಣಿಕೆಯ) ನಾಲ್ಕು ಸುತ್ತು, ಪೂರ್ತಿ ಮೌನ. ಕೈ ಬೆನ್ನ ಹಿಂದೆ, ಕಣ್ಣು ಮುಚ್ಚಿ. ನಿಮಿಷಕ್ಕೆ 60 ಅಕ್ಷರದ ಲೆಕ್ಕದಲ್ಲಿ 32 ಸೆಕೆಂಡು. ಆಮೇಲೆ ಏಳು ಚಪ್ಪಾಳೆ ಒಂದೇ ಚಪ್ಪಾಳೆಯಾಗಿ ಸಮಕ್ಕೆ, ಆವರ್ತದ ಮೊದಲ ಅಕ್ಷರಕ್ಕೆ, ಬಿತ್ತು. ಮುಂದಿನ ಸಾಲಿನಲ್ಲಿ ಹಿರಿಯ ಮೇಷ್ಟ್ರೊಬ್ಬರು ಕೂತಿದ್ದರು. ಮೂರು ವರ್ಷದ ಕೆಳಗೆ 'ಮೃದಂಗ ಇಲ್ಲದ ಮೃದಂಗ ಕ್ಲಾಸು ಅಂದ್ರೆ ಎಲೆ ಹಾಕಿ ಅನ್ನ ಬಡಿಸದ ಹಾಗೆ' ಅಂದವರು. ತೊಡೆ ಮೇಲಿದ್ದ ಅವರ ಕೈ ಅರ್ಧ ಅಕ್ಷರ ಮೊದಲೇ ಬಿದ್ದದ್ದನ್ನು ನಾನು ನೋಡಿದೆ. ಹೇಳಬಾರದು, ಹೇಳಿಬಿಟ್ಟೆ.

ಸಾಗರದಲ್ಲಿ ಕ್ಲಾಸು ಶುರುಮಾಡಿದಾಗ ನಾನೂ ಎಲ್ಲರ ಹಾಗೆ ಮೃದಂಗ ಕೊಟ್ಟೇ ಕೂರಿಸಿದ್ದೆ. ಚೀಟಿ ಎತ್ತಿ ಮೂರು ಸಣ್ಣ ಮೃದಂಗ ತಂದೆ, ಹತ್ತಿರ ಹತ್ತಿರ 40 ಸಾವಿರ. ನಮ್ಮೂರ ಮಳೆ ನಿಮಗೆ ಗೊತ್ತಲ್ಲ. ಜುಲೈ ಮುಗಿಯುವಷ್ಟರಲ್ಲಿ ಎರಡರ ಮುಚ್ಚಿಗೆಯ ಚರ್ಮ ಸಡಿಲ, ಒಂದರ ಕರಣೆ, ನಡುವಿನ ಕಪ್ಪು ಲೇಪ, ಎದ್ದು ಬಂತು. ರಿಪೇರಿಗೆ ಮತ್ತೆ ಐದಾರು ಸಾವಿರ. ಫೀಸು ತಿಂಗಳಿಗೆ 400, ಅದೂ ಅರ್ಧ ಜನ ಕೊಡುವುದು ಮುಂದಿನ ತಿಂಗಳು. ಇಷ್ಟಾಗಿ ಕಲಿತದ್ದೇನು? 60ಕ್ಕೆ ಎತ್ತಿದ ಪಾಠ 80ಕ್ಕೆ ಮುಗಿಸುವುದು. ಮೆಟ್ರೊನೋಮ್ ಆ್ಯಪ್ ಹಾಕಿದೆ. ಅದರ ಬಾಲ ಹಿಡಿದು ಚೆನ್ನಾಗಿಯೇ ಹೋಗುತ್ತಿದ್ದರು, ಫೋನ್ ಆಫ್ ಮಾಡಿದರೆ ಮತ್ತೆ ಓಟ. ಕೈ ತಯಾರಾಗುತ್ತಿತ್ತು, ಕಾಲ ತಯಾರಾಗುತ್ತಿರಲಿಲ್ಲ.

ಇದಕ್ಕೆ ಮದ್ದಾಗಿ ಬಂದದ್ದು ನಾನು ಕಟ್ಟಿದ ಒಂದು ಸುಳ್ಳು ವಿದ್ಯಾಪೀಠ, ಅದು ಹುಟ್ಟಿದ್ದು ಹುಡುಗನೊಬ್ಬನ ಪ್ರಶ್ನೆಯಿಂದ. 'ಸಾರ್, ಅನಾಗತ ಅಂದ್ರೆ ಭವಿಷ್ಯಾನಾ? ಅತೀತ ಅಂದ್ರೆ ಹಿಂದಿನದ್ದಾ?' ನಾನು ಹೇಳುತ್ತಿದ್ದದ್ದು ತಾಳದ ಗ್ರಹದ, ಅಂದರೆ ಹಾಡು ಎಲ್ಲಿ ಎತ್ತಬೇಕು ಅನ್ನುವುದರ ಬಗ್ಗೆ, ತಾಳಕ್ಕಿಂತ ಮೊದಲೇ ಹಾಡು ಎತ್ತಿದರೆ ಅತೀತ, ತಾಳ ಶುರುವಾದ ಮೇಲೆ ಎತ್ತಿದರೆ ಅನಾಗತ ಅಂತ. ಅವನ ಕಣ್ಣು ನೋಡಿ ಬಾಯಿಗೆ ಬಂದದ್ದು ಹೇಳಿದೆ: 'ಹೌದು ಕಣೋ. ಘಟ್ಟದೊಳಗೆ ಕಾಲನಾದ ವಿದ್ಯಾಪೀಠ ಅಂತ ಒಂದಿದೆ, ಅಲ್ಲಿ ಕಾಲದ ಮುಂದೆ ಹಿಂದೆ ಹೋಗೋದು ಕಲಿಸ್ತಾರೆ. ಲಯ ನಿಂತವರಿಗೆ ಮಾತ್ರ ದಾರಿ ಕಾಣುತ್ತೆ.' ಮರುದಿನ ಐದು ಗಂಟೆಯ ಕ್ಲಾಸಿಗೆ ನಾಲ್ಕೂವರೆಗೇ ಬಂದು ಕೂತಿದ್ದ.

ಆಮೇಲೆ ನಾನು ಕಟ್ಟಬೇಕಾದ್ದು ಜಾಸ್ತಿ ಇರಲಿಲ್ಲ, ತಾಳಕ್ಕೆ ಶಾಸ್ತ್ರ ಹೇಳುವ ಹತ್ತು ಲಕ್ಷಣ, ದಶಪ್ರಾಣದಲ್ಲಿ ಎಲ್ಲ ಇದೆ. ಮೊದಲ ಬಾಗಿಲು ಸಶಬ್ದ ಕ್ರಿಯೆ (ಸದ್ದಾಗುವಂತೆ ತಾಳ ಹಾಕುವುದು), ಎರಡನೆಯದು ನಿಶ್ಶಬ್ದ ಕ್ರಿಯೆ (ಸದ್ದಿಲ್ಲದೆ ಹಾಕುವುದು), ಮೂರನೆಯದು ಅತೀತ-ಅನಾಗತ. ಕಾವಲಿಗೆ ತಾಳದ ಅಂಗಗಳಲ್ಲೊಂದಾದ ಕಾಕಪಾದ: 16 ಅಕ್ಷರದ ಕಾಗೆಕಾಲು. ಹಸುವಿನ ಬಾಲದ ಹಾಗೆ ಸಣ್ಣದಾಗುತ್ತಾ ಹೋಗುವ ಗೋಪುಚ್ಛ ಯತಿ ಹೇಳಿಸುವಾಗ ಕೊನೆಗೆ ಒಂದೇ ಅಕ್ಷರ ಉಳಿಯುವಷ್ಟು ಸಣ್ಣ ಸಂದಿಯಲ್ಲಿ ನುಸುಳಬೇಕು. ಎಂಟು ತಿಂಗಳು ಬಾಯಿ ಮತ್ತು ಕೈ ಮಾತ್ರ. ಮೃದಂಗ ಬಟ್ಟೆ ಹೊದ್ದು ಮೂಲೆಯಲ್ಲಿ.

ಮೊದಲ ವರ್ಷ ಕೆಟ್ಟದ್ದು ನನ್ನ ದುಡುಕಿನಿಂದಲೇ. ವಿದ್ಯಾಪೀಠ ಅಂದಮೇಲೆ ವೇಷ ಬೇಡವೇ ಅಂತ ಕಪ್ಪು ನಿಲುವಂಗಿ ಹೊಲಿಸಿದೆ, ಹಿತ್ತಾಳೆ ಬಿಲ್ಲೆ ಮಾಡಿಸಿದೆ, ಒಂಬತ್ತು ಸಾವಿರ ಹೋಯಿತು. ಒಬ್ಬ ತಾಯಿ ಬಾಗಿಲಲ್ಲೇ ನಿಂತು 'ಇಲ್ಲಿ ಮಾಟ ಗೀಟ ಕಲಿಸ್ತೀರಂತೆ' ಅಂದರು. ಹನ್ನೊಂದು ಮಕ್ಕಳು ನಾಲ್ಕಾದರು. ಆ ನಿಲುವಂಗಿಯಲ್ಲಿ ಈಗ ಸ್ಕೂಟರ್ ಒರೆಸುತ್ತೇನೆ. ಮಕ್ಕಳಿಗೆ ವೇಷ ಬೇಕಿರಲಿಲ್ಲ, ಗುಟ್ಟು ಬೇಕಿತ್ತು ಅಷ್ಟೆ.

ಮೌನವನ್ನೂ ತಪ್ಪಾಗಿಯೇ ಶುರುಮಾಡಿದ್ದೆ. ನೇರ ಒಂದು ಆವರ್ತ ಬಿಡಿಸಿದರೆ ಸಮದ ಚಪ್ಪಾಳೆ ಒಗ್ಗರಣೆಗೆ ಸಾಸಿವೆ ಸಿಡಿದ ಹಾಗೆ ಚಟಪಟ ಅನ್ನುತ್ತಿತ್ತು. ಕೊನೆಗೆ ಒಂದೇ ಅಕ್ಷರದಿಂದ ಹೊರಟೆ. ಒಂದು ವಾರ ಎಂಟನೆಯ ಅಕ್ಷರ ಮಾತ್ರ ನುಂಗುವುದು, ಮುಂದಿನ ವಾರ ಏಳು-ಎಂಟು. ಪೂರ್ತಿ ಆವರ್ತ ನುಂಗಲು ಎರಡೂವರೆ ತಿಂಗಳು ಹಿಡಿಯಿತು, ಅಲ್ಲಿಂದ ನಾಲ್ಕಕ್ಕೆ ಇನ್ನು ಮೂರು. ನನಗೇ ಆಶ್ಚರ್ಯವಾದದ್ದು, ಆದಿಗಿಂತ ಎರಡು-ಮೂರರ ಖಂಡಛಾಪು ತಾಳದಲ್ಲಿ ಅವರ ಮೌನ ಗಟ್ಟಿ. ಆ ಕುಂಟು ನಡಿಗೆ ಒಳಗೆ ತಾನಾಗಿಯೇ ನಡೆಯುತ್ತದೆ ಅಂತ ಕಾಣುತ್ತದೆ. ಹಾಗಾಗಿ ಈಗ ಮೊದಲು 'ತಕ ತಕಿಟ', ಆಮೇಲೆ 'ತಕದಿಮಿ'. ಮೌನದಲ್ಲಿ ಮೈಯ ಒಂದು ಭಾಗಕ್ಕೆ ನಾನೊಂದು ಕೆಲಸ ಕೊಡುತ್ತೇನೆ, ಹೊರಗಿನವರಿಗೆ ಕಾಣುವುದಿಲ್ಲ. ಅದನ್ನು ಇಲ್ಲಿ ಬರೆಯುವುದಿಲ್ಲ. ಬೇಕಾದವರು ಒಂದು ಡಬ್ಬಿ ಜೋನಿಬೆಲ್ಲ ಹಿಡಿದು ಮನೆಗೆ ಬನ್ನಿ.

ಫೋನನ್ನು ಕೋಣೆಯಿಂದ ಹೊರಗಿಡಲು ಘಟಿ ಬಟ್ಟಲು ಮಾಡಲು ಹೋದದ್ದು ಬೇರೆಯೇ ಕಥೆ. ದಿನಕ್ಕೆ 60 ಘಟಿ, ಒಂದು ಘಟಿ 24 ನಿಮಿಷ, ಸಾಧನೆಗೆ ಹೇಳಿ ಮಾಡಿಸಿದ ಹೊತ್ತು. ತಳದಲ್ಲಿ ತೂತಿರುವ ತಾಮ್ರದ ಬಟ್ಟಲು, ನೀರಿನ ಮೇಲೆ ತೇಲಿಬಿಟ್ಟರೆ ತುಂಬಿ ಮುಳುಗಬೇಕು. ಪಾತ್ರೆ ಅಂಗಡಿಯ ಬಟ್ಟಲಿಗೆ ಅಕ್ಕಸಾಲಿಗರ ಹತ್ತಿರ ತೂತು ಹಾಕಿಸಿದೆ. ಒಂಬತ್ತೇ ನಿಮಿಷಕ್ಕೆ ಮುಳುಗಿತು. ಬೆಸುಗೆ ಹಾಕಿ ಮುಚ್ಚಿ ಸಣ್ಣ ಸೂಜಿಯಲ್ಲಿ ಮತ್ತೆ ಚುಚ್ಚಿಸಿದೆ. ಐದನೆಯ ಸಲಕ್ಕೆ 23 ಚಿಲ್ಲರೆ ನಿಮಿಷಕ್ಕೆ ಬಂದು ನಿಂತಿತು, ಸಾಕು ಅಂದೆ. ಅದು 'ಗುಳುಂ' ಅನ್ನುವವರೆಗೆ ಯಾರೂ ಏಳುವ ಹಾಗಿಲ್ಲ. ಒಂದು ದಿನ ಬಾವಿ ನೀರಿನ ಕಸರು ತೂತಿಗೆ ಸಿಕ್ಕಿಕೊಂಡು ಬಟ್ಟಲು ಮುಳುಗಲೇ ಇಲ್ಲ. ನಾನು ಒಳಗೆ ಚಹಾ ಕುಡಿದು ಬರುವಷ್ಟರಲ್ಲಿ ಮುಕ್ಕಾಲು ಗಂಟೆ, ಹುಡುಗರು ಬೆವರು ಸುರಿಸುತ್ತಾ ಇನ್ನೂ 'ತದಿಂಗಿಣತೊಂ' ಹೇಳುತ್ತಲೇ ಇದ್ದರು. ಈಗ ನೀರು ಸೋಸಿ ಹಾಕುತ್ತೇನೆ. ಯಾವಾಗಲೂ ಅಲ್ಲ.

ಕಮಲದ ಎಸಳಿನ ಪ್ರಯೋಗ ಮಾತ್ರ ಕೈಕೊಟ್ಟಿತು. ನೂರು ಎಸಳು ಒಂದರ ಮೇಲೊಂದಿಟ್ಟು ಸೂಜಿ ಚುಚ್ಚಿದರೆ ಒಂದು ಎಸಳು ದಾಟುವಷ್ಟು ಹೊತ್ತೇ ಕ್ಷಣ ಅಂತ ಲಕ್ಷಣದವರು ಹೇಳುತ್ತಾರಲ್ಲ, ಕೆರೆಯಿಂದ ತಾವರೆ ತರಿಸಿ ನೋಡಿಯೇಬಿಟ್ಟೆವು. ಮೂವತ್ತಕ್ಕೋ ಮೂವತ್ತೈದಕ್ಕೋ ಗೋಣಿಸೂಜಿ ಪಕ್ಕಕ್ಕೆ ಜಾರಿ ನನ್ನ ಹೆಬ್ಬೆರಳಿಗೆ ಹೋಯಿತು. ಆ ವಾರ ನಾನೂ ಮೃದಂಗ ಮುಟ್ಟಲಿಲ್ಲ.

ಒಂಬತ್ತನೆಯ ತಿಂಗಳು ಬಟ್ಟೆ ತೆಗೆದಾಗ ಏನಾಯಿತು ಅಂತ ಕೇಳುವಿರಿ. ಬೆರಳು ಬಿರುಸು, ನಾದ ಕರ್ಕಶ, ಅದು ಎಲ್ಲರದ್ದೂ ಹಾಗೆಯೇ. ಆದರೆ ಓಡಲಿಲ್ಲ. ಆರು ತಿಂಗಳಲ್ಲಿ ಇಬ್ಬರು ಜೂನಿಯರ್ ಪರೀಕ್ಷೆಯ ಪಾಠ ಮುಗಿಸಿದರು, ಮೊದಲಿನ ಬ್ಯಾಚಿಗೆ ಎರಡು ವರ್ಷ ಹಿಡಿದಿತ್ತು. ಫೀಸು ಈಗ 700. ಆ ತಾಯಿ ಚಿಕ್ಕ ಮಗನನ್ನೂ ತಂದು ಬಿಟ್ಟಿದ್ದಾರೆ, ಮಾಟದ ಮಾತು ಎತ್ತಿಲ್ಲ.

ತೊಂದರೆ ಬಂದಿರುವುದು ಬೇರೆ ಕಡೆಯಿಂದ. ಪ್ರಶ್ನೆ ಕೇಳಿದ್ದ ಆ ಹುಡುಗ ಮೂರು ಬಾಗಿಲೂ ದಾಟಿಬಿಟ್ಟಿದ್ದಾನೆ. ಮೊನ್ನೆ ಚಪ್ಪಲಿ ಹಾಕಿಕೊಳ್ಳುತ್ತಾ 'ನಾಲ್ಕನೇದು ಯಾವಾಗ ಸಾರ್?' ಅಂದ. ನಾನಿನ್ನೂ ಕಟ್ಟಿಲ್ಲ. ಮಳೆಗಾಲ ಮುಗಿಯಲಿ ಅಂದಿದ್ದೇನೆ.