ಫೈಲಿನ ಬೆನ್ನ ಮೇಲೆ ಎರಡು ಗೆರೆ: ಚೆಕ್ ಕೇಸಿನ ತರ್ಕ ನೋಡುವ ಬಗೆ

ನಾನು ಬ್ಯಾಡಗಿ ಕಡೆ ವಕೀಲಿ ಮಾಡುವವಳು. ಮೆಣಸಿನಕಾಯಿ ಸೀಸನ್ ಮುಗಿದು ಒಂದೆರಡು ತಿಂಗಳಾಯಿತು ಅಂದರೆ ನಮ್ಮ ಆಫೀಸಿಗೆ ಚೆಕ್ ಬೌನ್ಸ್ ಫೈಲುಗಳು ಬರತೊಡಗುತ್ತವೆ. ಹೊಸ ಜೂನಿಯರ್‌ಗಳಿಗೆ ನಾನು ಮೊದಲೇ ದೂರು ಬರೆಯಲು ಕೊಡುವುದಿಲ್ಲ. ಫೈಲ್ ಮಗುಚಿ, ಬೆನ್ನ ಮೇಲೆ ಎರಡು ಗೆರೆ ಎಳೆಯಿರಿ ಅನ್ನುತ್ತೇನೆ. ಮೂರು ಕಾಲಂ ಆಗುತ್ತದೆ. ಕಾನೂನು ಏನು ಕೇಳುತ್ತದೆ, ನಮ್ಮ ಹತ್ತಿರ ಯಾವ ಕಾಗದ ಇದೆ, ಏನು ಬಂದರೆ ಕೆಡುತ್ತದೆ.

ಮೊದಲ ಕಾಲಂ ಸುಲಭ. ಚೆಕ್ ಬೌನ್ಸ್ ಆಗುವುದನ್ನು ಅಪರಾಧ ಅನ್ನುವ ನೆಗೋಷಿಯೇಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ ಕಲಂ 138 ಉದ್ದನೆಯ ವಾಕ್ಯ, ಅದನ್ನು ತುಂಡು ಮಾಡಿ. ಚೆಕ್ಕನ್ನು ಅದರ ಅವಧಿಯೊಳಗೆ, ಈಗ ಮೂರು ತಿಂಗಳು, ಬ್ಯಾಂಕಿಗೆ ಹಾಕಿರಬೇಕು. ವಾಪಸಾದ ಸುದ್ದಿ ತಿಳಿದ 30 ದಿನದೊಳಗೆ ನೋಟಿಸ್ ಕಳಿಸಬೇಕು. ನೋಟಿಸ್ ಮುಟ್ಟಿದ ಮೇಲೆ 15 ದಿನ ಕಾಯಬೇಕು. ಆಗಲೂ ದುಡ್ಡು ಬರದಿದ್ದರೆ ಒಂದು ತಿಂಗಳೊಳಗೆ ದೂರು ಹಾಕಬೇಕು. ಇದು ಕಲಂ 142ರ ಮಾತು. ಈ ತುಂಡುಗಳ ನಡುವೆ ಇರುವುದು ‘ಮತ್ತು’, ‘ಅಥವಾ’ ಅಲ್ಲ. ‘ಮತ್ತು’ವಿನಲ್ಲಿ ಒಂದು ಕೊಂಡಿ ಕಳಚಿದರೂ ಪೂರ್ತಿ ಸರಪಳಿ ಹೋಯಿತು. 15ನೇ ದಿನ ಮುಗಿಯುವ ಮೊದಲೇ ಅವಸರದಲ್ಲಿ ಹಾಕಿದ ದೂರು ದೂರೇ ಅಲ್ಲ ಎಂದು ಸುಪ್ರೀಂ ಕೋರ್ಟ್ 2014ರಲ್ಲಿ ಹೇಳಿದೆ.

ಎರಡನೇ ಕಾಲಂನಲ್ಲಿ ನಾನೇ ಒಮ್ಮೆ ಎಡವಿದ್ದೇನೆ. ಕಕ್ಷಿದಾರರು ‘ಮೇಡಂ, ರಿಟರ್ನ್ ಮೆಮೊ ಸಿಕ್ಕಿದ್ದು ಜೂನ್ 9ಕ್ಕೆ’ ಅಂದರು. ಚೆಕ್ ವಾಪಸಾಯಿತು ಎಂದು ಬ್ಯಾಂಕ್ ಕೊಡುವ ಚೀಟಿ ಅದು. ನಾನು ಎಣಿಸಿದೆ, ಜುಲೈ 9ರವರೆಗೆ ಟೈಮ್ ಇತ್ತು. ಜುಲೈ 7ಕ್ಕೆ ನೋಟಿಸ್ ಪೋಸ್ಟ್ ಮಾಡಿದೆ. ಪಾಟೀಸವಾಲಿನಲ್ಲಿ ಎದುರು ವಕೀಲರು ಬ್ಯಾಂಕಿನ ರಿಜಿಸ್ಟರ್ ತರಿಸಿದರು. ಜೂನ್ 4ರ ಸಾಲಿನಲ್ಲಿ ನಮ್ಮವರದ್ದೇ ಸಹಿ! ನನ್ನ ಲೆಕ್ಕ ಸರಿ ಇತ್ತು, ಲೆಕ್ಕ ಶುರು ಮಾಡಿದ ದಿನ ತಪ್ಪಿತ್ತು. ತರ್ಕಶಾಸ್ತ್ರ ಓದಿದವರಿಗೆ ಇದು ಹಳೇ ಪಾಠ: ವಾದದ ಆಕಾರ ಸರಿ ಇರುವುದು ಬೇರೆ, ಅದರ ಆಧಾರ ನಿಜವಾಗಿರುವುದು ಬೇರೆ. ದೂರು ತಡವಾದರೆ ಸಕಾರಣ ತೋರಿಸಿ ಮನ್ನಿಸಿ ಎಂದು ಕೇಳಬಹುದು, 2002ರ ತಿದ್ದುಪಡಿ ಆ ದಾರಿ ಕೊಟ್ಟಿದೆ. ನೋಟಿಸ್ ತಡವಾದರೆ ಆ ದಾರಿಯೂ ಇಲ್ಲ. ಕೇಸ್ ಬಿತ್ತು. ಅಂದಿನಿಂದ ಈ ಕಾಲಂನಲ್ಲಿ ಕಕ್ಷಿದಾರರ ಬಾಯಿಮಾತು ಬರೆಯುವುದಿಲ್ಲ. ಕಾಗದ ಇಲ್ಲದಿದ್ದರೆ ಖಾಲಿ ಬಿಡಿ. ಆ ಖಾಲಿ ಜಾಗವೇ ಏನು ತರಿಸಬೇಕು ಅಂತ ನೆನಪಿಸುತ್ತದೆ.

ಕೇಸ್ ಬಿದ್ದ ದಿನ ಸಾಲ ತೀರಿಸಬೇಕಾದವರು ಕೋರ್ಟಿನ ಹೊರಗೆ ಚಹಾ ಕುಡಿಯುತ್ತಾ ‘ಸಾಲ ಮುಗೀತು’ ಅಂದರಂತೆ. ಇದು ಉಲ್ಟಾ ತರ್ಕ. ಕಲಂ 138 ಕೂಡಿಬಂದರೆ ಶಿಕ್ಷೆ ಅಂದ ಮಾತ್ರಕ್ಕೆ, ಕೂಡಿಬರದಿದ್ದರೆ ಸಾಲವೇ ಇಲ್ಲ ಅಂತ ಆಗುವುದಿಲ್ಲ. ಮೂರು ವರ್ಷದ ಕಾಲಮಿತಿ ಇನ್ನೂ ಇತ್ತು, ಸಿವಿಲ್ ದಾವಾ ಹಾಕಿದೆವು.

ಈಗ ಮೂರನೇ ಕಾಲಂ. ನನಗೆ ತುಂಬ ಇಷ್ಟವಾದದ್ದು ಇದೇ.

ಹೊಗೆ ಇದ್ದಲ್ಲಿ ಬೆಂಕಿ ಇದೆ ಎನ್ನಬಹುದು, ಬೆಂಕಿ ಇದ್ದಲ್ಲೆಲ್ಲ ಹೊಗೆ ಇದೆ ಎನ್ನುವಂತಿಲ್ಲ. ಕಾದು ಕೆಂಪಾದ ಕಬ್ಬಿಣದ ಗುಂಡನ್ನು ನೋಡಿ ಅನ್ನುತ್ತಾರೆ ನಮ್ಮ ನೈಯಾಯಿಕರು, ಅಂದರೆ ಹಳೆಯ ತರ್ಕಶಾಸ್ತ್ರದ ಪಂಡಿತರು. ಹಾಗೆಯೇ, ಸಾಲ ಮಾಡಿದವರು ಚೆಕ್ ಕೊಡುತ್ತಾರೆ ಎಂಬುದರಿಂದ ‘ಚೆಕ್ ಇದೆ, ಆದ್ದರಿಂದ ಸಾಲ ಇದೆ’ ಎಂದು ಹೇಳಲು ಬರುವುದಿಲ್ಲ. ಸಹಿ ಮಾಡಿದ ಖಾಲಿ ಚೆಕ್ ಕಳೆದೂ ಹೋಗಿರಬಹುದು, ಅಲ್ವಾ? ಆದರೆ ಕಲಂ 139 ಇಲ್ಲಿ ತಾನೇ ಒಂದು ಹೊಸ ನಿಯಮ ತಂದಿಡುತ್ತದೆ: ಬೇರೆ ತೋರಿಸುವ ತನಕ, ಚೆಕ್ ಕೊಟ್ಟದ್ದು ಸಾಲಕ್ಕೇ ಎಂದು ಭಾವಿಸಬೇಕು. ‘ತೋರಿಸುವ ತನಕ’ ಎಂಬ ಎರಡು ಪದಕ್ಕೆ ಕೆಂಪು ಶಾಯಿಯಲ್ಲಿ ಗೆರೆ ಹಾಕಿ. ಗಣಿತದಲ್ಲಿ ಒಮ್ಮೆ ಸಿದ್ಧವಾದದ್ದು ಹೊಸ ಸಂಗತಿ ಬಂತೆಂದು ಬಿದ್ದುಹೋಗುವುದಿಲ್ಲ. ಕಾನೂನಿನಲ್ಲಿ ಹೊಸ ಕಾಗದ ಒಂದು ಬಂದರೆ ನಿನ್ನೆಯ ತೀರ್ಮಾನ ಎದ್ದು ಹೋಗುತ್ತದೆ.

ಇದಕ್ಕೆ ದೂರ ಹೋಗಬೇಕಿಲ್ಲ. ರಂಗಪ್ಪ ವಿರುದ್ಧ ಶ್ರೀ ಮೋಹನ್, 2010ರ ಸುಪ್ರೀಂ ಕೋರ್ಟ್ ತೀರ್ಪು, ನಮ್ಮ ಪಕ್ಕದ ರಾಣೆಬೆನ್ನೂರಿನ ವ್ಯವಹಾರ. 45,000 ರೂಪಾಯಿಯ ಕೈಸಾಲ. ಆರೋಪಿ ಚೆಕ್ ಕಳೆದುಹೋಗಿತ್ತು ಅಂದರು. ವಿಚಾರಣಾ ನ್ಯಾಯಾಲಯ ಬಿಡುಗಡೆ ಮಾಡಿತು, ಹೈಕೋರ್ಟ್ ತಪ್ಪಿತಸ್ಥ ಎಂದಿತು, ಸುಪ್ರೀಂ ಕೋರ್ಟ್ ಅದನ್ನೇ ಎತ್ತಿಹಿಡಿಯಿತು. ನೋಟಿಸ್‌ಗೆ ಉತ್ತರವನ್ನೇ ಕೊಡದಿದ್ದದ್ದು ಆರೋಪಿಗೆ ಮುಳುವಾಯಿತು. ಕಲಂ 139ರ ‘ಎಂದು ಭಾವಿಸಬೇಕು’ ಎಂಬುದರಲ್ಲಿ ಸಾಲ ಇದೆ ಎಂಬುದೂ ಸೇರುತ್ತದೆಯೇ? ಇಲ್ಲ ಎಂದು 2008ರ ಒಂದು ತೀರ್ಪು ಹೇಳಿತ್ತು, ಈ ಪೀಠ ಸೇರುತ್ತದೆ ಎಂದಿತು. ಆದರೆ ಅದನ್ನು ಮುರಿಯಲು ಆರೋಪಿ ಸಂಶಯಾತೀತವಾಗಿ ಏನನ್ನೂ ಸಾಬೀತು ಮಾಡಬೇಕಿಲ್ಲ. ಹೀಗೂ ಇರಬಹುದು ಎಂದು ತಕ್ಕಡಿ ತನ್ನ ಕಡೆ ವಾಲಿದರೆ ಸಾಕು. ಹಾಗಾಗಿ ಪಿರ್ಯಾದಿ ಪರ ಇದ್ದರೂ ಮೂರನೇ ಕಾಲಂ ಬರೆಯುವಾಗ ಎದುರು ವಕೀಲರ ಕುರ್ಚಿಯಲ್ಲಿ ಕೂತು ಬರೆಯಿರಿ. ಸುಮ್ನೆ ‘ಏನೂ ಇಲ್ಲ’ ಎಂದು ಬರೆದ ಜೂನಿಯರ್‌ಗೆ ನಾನು ಫೈಲ್ ವಾಪಸ್ ಕೊಡುತ್ತೇನೆ.

ಇಷ್ಟಾದರೂ ತರ್ಕಕ್ಕೆ ಸಿಗದ ಒಂದು ಜಾಗ ಉಳಿಯುತ್ತದೆ: ಪದ. ಕಲಂ ‘ಸಾಲ ಅಥವಾ ಇತರ ಹೊಣೆ’ ಅನ್ನುತ್ತದೆ. ಮಾಲು ಬರುವ ಮೊದಲೇ ಅಡ್ವಾನ್ಸ್ ಅಂತ ಕೊಟ್ಟ ಚೆಕ್ ಹೊಣೆಯೋ ಅಲ್ಲವೋ? ಇದನ್ನು ಯಾವ ಸೂತ್ರವೂ ಹೇಳುವುದಿಲ್ಲ, ಹೋಲಿಕೆ ಹುಡುಕಬೇಕು. 2014ರ ಇಂಡಸ್ ಏರ್‌ವೇಸ್ ಕೇಸಿನಲ್ಲಿ ವಿಮಾನದ ಬಿಡಿಭಾಗಕ್ಕೆ ಮುಂಗಡವಾಗಿ ಚೆಕ್ ಕೊಟ್ಟು, ಆಮೇಲೆ ಆರ್ಡರ್ ರದ್ದು ಮಾಡಿದ್ದರು. ಚೆಕ್ ಕೊಟ್ಟ ದಿನ ಹೊಣೆ ಹುಟ್ಟಿರಲಿಲ್ಲ, ಕಲಂ 138 ಹತ್ತುವುದಿಲ್ಲ ಎಂದಿತು ಸುಪ್ರೀಂ ಕೋರ್ಟ್. ವಿಮಾನಕ್ಕೂ ಮೆಣಸಿನಕಾಯಿಗೂ ಏನು ಸಂಬಂಧ ಎಂದು ನಗಬೇಡಿ. ಇಲ್ಲಿ ತೂಗುವುದು ಮಾಲು ಯಾವುದು ಎಂಬುದಲ್ಲ, ಮಾಲು ಬಂದ ದಿನ ಮತ್ತು ಚೆಕ್ಕಿನ ದಿನ. ಆದ್ದರಿಂದ ಕಕ್ಷಿದಾರರು ಎದುರು ಕೂತ ಕೂಡಲೇ ದುಡ್ಡೆಷ್ಟು ಎಂದು ಕೇಳಬೇಡಿ. ಚೀಲ ಲಾರಿಯಿಂದ ಇಳಿದದ್ದು ಯಾವತ್ತು ಎಂದು ಕೇಳಿ, ಲಾರಿ ರಸೀದಿ ಮನೆಯಲ್ಲಿದ್ದರೆ ನಾಳೆ ಬರುವಾಗ ಹಿಡಿದುಕೊಂಡು ಬನ್ನಿ ಅನ್ನಿ.