ಮೆನ್ಶಿಯಸ್ ಮೊದಲು, ಯೂರೋಪ್ ಆಮೇಲೆ: ನಮ್ಮ ಓದುಕೂಟದ ಅನುಭವ

ಚೈನೀಸ್ ಬಾರದ ಹತ್ತು ಹದಿನೈದು ಜನರನ್ನು ಕೂರಿಸಿಕೊಂಡು ಮೆನ್ಶಿಯಸ್, ಷುನ್‌ಜಿ ಮುಂತಾದ ಹಳೇ ಚೀನೀ ತತ್ವಜ್ಞಾನಿಗಳನ್ನೆಲ್ಲ ಸಾಲು ಸಾಲಾಗಿ ಕನ್ನಡದಲ್ಲಿ ಓದಿಸಿ, ಅಲ್ಲಿಂದ ಜರ್ಮನ್ ತತ್ವಜ್ಞಾನಿಗಳಾದ ಲೈಬ್ನಿಜ್, ವೋಲ್ಫ್ ತನಕ ಕರೆದುಕೊಂಡು ಹೋಗುವುದು ಆಗದ ಕೆಲಸ ಅಂತ ನನಗೆ ಹೇಳಿದವರು ಒಬ್ಬಿಬ್ಬರಲ್ಲ. ಕಾಲೇಜಲ್ಲಿ ಫಿಲಾಸಫಿ ಪಾಠ ಮಾಡುವ ಗೆಳೆಯರೂ ಅದನ್ನೇ ಅಂದರು. ಮೂಲ ಭಾಷೆ ಗೊತ್ತಿಲ್ಲದೆ ಸುಮ್ನೆ ಯಾಕೆ ಕಷ್ಟ, ಒಂದು ಒಳ್ಳೇ ಇತಿಹಾಸದ ಪುಸ್ತಕ ಓದಿಸಿ ಸಾಕು ಅಂತ. ಈಗ ಎರಡನೇ ಸುತ್ತು ಮುಗಿದಿದೆ. ಶುರುವಿನಲ್ಲಿ ಬಂದವರಲ್ಲಿ ಮುಕ್ಕಾಲು ಪಾಲು ಜನ ಕೊನೆಯವರೆಗೂ ಉಳಿದರು. ಓದುಕೂಟ ನಡೆಸಿದವರಿಗೆ ಇದು ಎಷ್ಟು ದೊಡ್ಡ ಮಾತು ಅಂತ ಗೊತ್ತಿರುತ್ತದೆ. ಕನ್ಫ್ಯೂಷಿಯಸ್ ಯಾರು, ತಾವೋ ಅಂದರೇನು ಅಂತೆಲ್ಲ ಇಲ್ಲಿ ಹೇಳಲು ಹೋಗುವುದಿಲ್ಲ. ಹೇಗೆ ಮಾಡಿದೆ ಅನ್ನುವುದನ್ನಷ್ಟೇ ಬರೆಯುತ್ತೇನೆ.

ಮೊದಲು ಎಲ್ಲರೂ ಮಾಡುವ ಹಾಗೆ ಜೋಡಿ ಜೋಡಿಯಾಗಿ ಇಟ್ಟು ನೋಡಿದೆ. ಒಂದು ವಾರ ಸಾಕ್ರಟೀಸ್ ಮತ್ತು ಕನ್ಫ್ಯೂಷಿಯಸ್. ಇನ್ನೊಂದು ವಾರ ಅರಿಸ್ಟಾಟಲ್ ಮತ್ತು ಕನ್ಫ್ಯೂಷಿಯಸ್ ಪಂಥದ ಝೊಂಗ್‌ಯೊಂಗ್ ಅನ್ನುವ ಪುಸ್ತಕ. ಆಮೇಲೆ ಇಪ್ಪತ್ತನೇ ಶತಮಾನದ ಜರ್ಮನ್ ತತ್ವಜ್ಞಾನಿ ಹೈಡೆಗರ್ ಮತ್ತು ಹಳೇ ಚೀನಾದ ಲಾವೋತ್ಸೆ. ಈ ಕೊನೆಯ ಜೋಡಿ ನಿಲ್ಲುತ್ತದೆ ಅಂತ ನನಗೆ ನಂಬಿಕೆ ಇತ್ತು, ಯಾಕೆಂದರೆ 1946ರ ಬೇಸಿಗೆಯಲ್ಲಿ ಹೈಡೆಗರ್ ನಿಜವಾಗಿಯೂ ಚೀನೀ ವಿದ್ವಾಂಸ ಪಾಲ್ ಶಿಯಾವೊ ಜೊತೆ ಕೂತು ಲಾವೋತ್ಸೆಯ ಪುಸ್ತಕ ದಾವ್ ದ ಜಿಂಗನ್ನು ಜರ್ಮನ್‌ಗೆ ತರಲು ಹೊರಟಿದ್ದ, 81 ಅಧ್ಯಾಯಗಳಲ್ಲಿ ಕೆಲವೇ ಕೆಲವು ಮಾಡಿ ಬಿಟ್ಟ. ಆದರೆ ಅದೂ ನಿಲ್ಲಲಿಲ್ಲ. ಎರಡು ಹೆಸರು ಪಕ್ಕಪಕ್ಕ ಇಟ್ಟ ಕೂಡಲೇ ಜನ ಹಾಳೆ ಕೆಳಗಿಟ್ಟು ಅಭಿಪ್ರಾಯ ಹೇಳಲು ಶುರು ಮಾಡುತ್ತಾರೆ. ಪಶ್ಚಿಮದವರಿಗೆ ತರ್ಕ, ಪೂರ್ವದವರಿಗೆ ಅನುಭವ ಅಂತ ಒಬ್ಬರು. ಕೊನೆಗೆ ಎಲ್ಲರೂ ಹೇಳೋದು ಒಂದೇ ಅಂತ ಇನ್ನೊಬ್ಬರು. "ಮೇಡಂ, ಇದು ನಮ್ಮ ಅದ್ವೈತಾನೇ ಅಲ್ವಾ?" ಅಂತ ಮೂರನೆಯವರು. ಲಾವೋತ್ಸೆಯ ಒಂದು ಸಾಲನ್ನೂ ನೆಟ್ಟಗೆ ಓದದೆ ಎರಡು ಗಂಟೆ ಕಳೆಯುತ್ತಿತ್ತು. ಎರಡು ತಿಂಗಳು ತುಂಬುವ ಹೊತ್ತಿಗೆ ಐದಾರು ಜನ ಉಳಿದರು.

ದುಡ್ಡಿನ ವಿಷಯ ಹೇಳಿಬಿಡುತ್ತೇನೆ. ಹಾಲ್ ಬಾಡಿಗೆ ಒಂದು ಭಾನುವಾರಕ್ಕೆ 600 ರೂಪಾಯಿ ಆಸುಪಾಸು. ಹೊರಗಿನಿಂದ ತರಿಸಿದ ಪುಸ್ತಕಗಳಿಗೆ ಹತ್ತಿರ ಹತ್ತಿರ 15 ಸಾವಿರ ಹೋಯಿತು, ಅದರಲ್ಲಿ ಅರ್ಧಕ್ಕರ್ಧ ಪುಸ್ತಕ ಇವತ್ತಿಗೂ ಕೆಲಸಕ್ಕೆ ಬಂದಿಲ್ಲ. ಜಾಸ್ತಿ ನೋವು ಕೊಟ್ಟಿದ್ದು ಒಂದು ಆನ್‌ಲೈನ್ ಕೋರ್ಸ್. ಪೂರ್ವ ಪಶ್ಚಿಮ ತತ್ವಜ್ಞಾನಗಳ ಸಂವಾದ ಅಂತ ದೊಡ್ಡ ಹೆಸರು, ಫೀಸು 18–20 ಸಾವಿರ. ಒಂದು ಮೂಲ ಪಠ್ಯವನ್ನೂ ಅವರು ತೆರೆಯಲಿಲ್ಲ, ಎಲ್ಲ ಸ್ಲೈಡ್ ಮೇಲೆ ಸ್ಲೈಡ್. ಅರ್ಧಕ್ಕೆ ಬಿಟ್ಟೆ, ದುಡ್ಡು ವಾಪಸ್ ಬರಲಿಲ್ಲ.

ಆಮೇಲೆ ಹಿಡಿದದ್ದು ಈಗಿನ ದಾರಿ. ಮೊದಲ ಏಳೆಂಟು ವಾರ ಯೂರೋಪಿನ ಯಾವ ಹೆಸರನ್ನೂ ಎತ್ತುವ ಹಾಗಿಲ್ಲ. ಶಂಕರ, ಬುದ್ಧ, ಬಸವಣ್ಣ ಯಾರನ್ನೂ ಎತ್ತುವ ಹಾಗಿಲ್ಲ. ಚೀನಾದವರು ಚೀನಾದವರ ಜೊತೆ ಆಡಿದ ಜಗಳ ಮಾತ್ರ. ಅದು ಮುಗಿದ ಮೇಲೆ ಯೂರೋಪಿನವರು ಬರಬಹುದು, ಆದರೆ ಚೀನೀ ಪಠ್ಯವನ್ನು ನಿಜವಾಗಿ ಓದಿ ಉತ್ತರ ಕೊಟ್ಟವರಷ್ಟೇ. ಇದನ್ನು ಹೇಳಿದಾಗ ನಕ್ಕವರಿದ್ದಾರೆ. ಎರಡು ವಾರಕ್ಕೆ ಜನಕ್ಕೆ ಬೋರ್ ಹೊಡೆಯುತ್ತೆ ನೋಡಿ ಅಂದರು. ಹೊಡೆಯಲಿಲ್ಲ.

ಶುರು ಮಾಡಿದ್ದು ಮೆನ್ಶಿಯಸ್‌ನ ಆರನೇ ಪುಸ್ತಕದಿಂದ, ಗಾವೋಜಿ ಅನ್ನುವ ಎದುರಾಳಿ ಚಿಂತಕನ ಜೊತೆಗಿನ ವಾದ. ಮನುಷ್ಯನ ಸ್ವಭಾವ ಒಳ್ಳೆಯದು ಅನ್ನುವುದು ಮೆನ್ಶಿಯಸ್‌ನ ಪಕ್ಷ. ಮನುಷ್ಯನ ಸ್ವಭಾವ ವಿಲೋ ಮರದ ಹಾಗೆ, ನೀತಿ ಅನ್ನುವುದು ಆ ಮರದಿಂದ ಮಾಡಿದ ಬಟ್ಟಲಿನ ಹಾಗೆ ಅಂತಾನೆ ಗಾವೋಜಿ. ಮೆನ್ಶಿಯಸ್ ಕೇಳುತ್ತಾನೆ: ಮರವನ್ನು ಕಡಿದು ಗಾಯ ಮಾಡಿ ತಾನೇ ಬಟ್ಟಲು ಮಾಡೋದು? ಹಾಗಾದರೆ ಮನುಷ್ಯನನ್ನೂ ಗಾಯ ಮಾಡಿಯೇ ಒಳ್ಳೆಯವನನ್ನಾಗಿ ಮಾಡಬೇಕಾ? ಗಾವೋಜಿ ನೀರಿಗೆ ಹೋಗುತ್ತಾನೆ. ಪೂರ್ವಕ್ಕೆ ದಾರಿ ಬಿಟ್ಟರೆ ಪೂರ್ವಕ್ಕೆ, ಪಶ್ಚಿಮಕ್ಕೆ ಬಿಟ್ಟರೆ ಪಶ್ಚಿಮಕ್ಕೆ ಹರಿಯುತ್ತದೆ, ಮನುಷ್ಯನೂ ಅಷ್ಟೇ. ಪೂರ್ವ ಪಶ್ಚಿಮ ನೀರಿಗೆ ಗೊತ್ತಿಲ್ಲ ನಿಜ, ಮೇಲೆ ಕೆಳಗೆ ಗೊತ್ತಿಲ್ವಾ ಅಂತ ಮೆನ್ಶಿಯಸ್. ಕೈಯಿಂದ ಹೊಡೆದರೆ ನೀರು ಹಣೆಗಿಂತ ಮೇಲೆ ಹಾರುತ್ತದೆ, ಅದು ಹೊಡೆತದಿಂದ ಆದದ್ದು, ನೀರಿನ ಸ್ವಭಾವ ಅಲ್ಲ.

ಕೂಟವನ್ನು ಎರಡು ಪಾಲು ಮಾಡಿ ಒಂದು ಪಾಲಿಗೆ ಗಾವೋಜಿ ಪರ ವಕಾಲತ್ತು ಕೊಟ್ಟೆ. ಪುಸ್ತಕದಲ್ಲಿ ಗಾವೋಜಿ ಬೇಗ ಸುಮ್ಮನಾಗುತ್ತಾನೆ, ಯಾಕೆಂದರೆ ಬರೆದವರು ಎದುರು ಪಕ್ಷದವರು. ನಮ್ಮಲ್ಲಿ ಅವನು ಸುಮ್ಮನಾಗಲಿಲ್ಲ. ಮಣ್ಣಿನ ಪಾತ್ರೆ ಮಾಡುವಾಗ ಮಣ್ಣಿಗೆ ಗಾಯ ಆಗುತ್ತಾ ಅಂತ ಒಬ್ಬ ಹುಡುಗಿ ಕೇಳಿದಳು. ಅವಳು ಆಗ ಷುನ್‌ಜಿಯನ್ನು ಓದಿರಲೇ ಇಲ್ಲ! ಮನುಷ್ಯನ ಸ್ವಭಾವ ಕೆಟ್ಟದ್ದು ಅಂತ ವಾದಿಸುವ ಷುನ್‌ಜಿಯ 23ನೇ ಅಧ್ಯಾಯದಲ್ಲಿ ಕುಂಬಾರನ ಮಾತು ಬರುವುದು ಇದೇ ಕೆಲಸಕ್ಕೆ. ಆ ಹಾಳೆ ಕೊಟ್ಟಾಗ ಇಡೀ ಕೂಟ ಅವಳ ಕಡೆ ತಿರುಗಿ ನೋಡಿತು. ದಾರಿ ಸರಿ ಇದೆ ಅಂತ ನನಗೆ ಖಾತ್ರಿಯಾಗಿದ್ದು ಆವತ್ತು.

ಬಾವಿಗೆ ಬೀಳಲಿರುವ ಮಗುವಿನ ಭಾಗಕ್ಕೆ ಒಂದಿಡೀ ಭಾನುವಾರ ಕೊಡಿ, ಬೇಕಿದ್ದರೆ ಎರಡು. ಎಲ್ಲರೂ ಅದನ್ನು ಬೇಗ ದಾಟುತ್ತಾರೆ. ಮಗುವನ್ನು ಕಂಡ ಯಾರಿಗಾದರೂ ಎದೆ ಧಸಕ್ಕೆನ್ನುತ್ತದೆ ಅಂತಾನೆ ಮೆನ್ಶಿಯಸ್. ಮಗುವಿನ ಅಪ್ಪ ಅಮ್ಮನ ಸ್ನೇಹ ಬೇಕು ಅಂತಲ್ಲ, ಊರವರು ಹೊಗಳಲಿ ಅಂತಲ್ಲ, ಅದರ ಕೂಗು ಕೇಳಲಾರದೆ ಅಂತಲೂ ಅಲ್ಲ. ಆದರೆ ಕಂಡವನು ಓಡಿಹೋಗಿ ಎತ್ತಿಕೊಳ್ಳುತ್ತಾನೆ ಅಂತ ಎಲ್ಲೂ ಹೇಳಿಲ್ಲ. ಧಸಕ್ಕೆನ್ನುವುದು ಮೊಳಕೆ ಮಾತ್ರ, ಅದನ್ನು ಬೆಳೆಸುವುದು ಬೇರೆ ಕೆಲಸ. ಇದನ್ನು ನಾನು ಮೊದಲೇ ಹೇಳುವುದಿಲ್ಲ, ಕೂಟದವರೇ ಹುಡುಕಬೇಕು. ಹುಡುಕಿಸಲು ನಾನು ಕೇಳುವ ಪ್ರಶ್ನೆಗಳನ್ನು ಇಲ್ಲಿ ಬರೆಯುವುದಿಲ್ಲ, ಅವು ಬಹಳ ಸಮಯ ತಿಂದ ಪ್ರಶ್ನೆಗಳು. ಅದು ಹಿಡಿದ ಮೇಲೆ ಷುನ್‌ಜಿಯ ಎದುರುವಾದ ಎಷ್ಟು ಗಟ್ಟಿ ಅಂತ ಗೊತ್ತಾಗುತ್ತದೆ: ಹಸಿದವನು ಹಿರಿಯರು ಎದುರಿಗಿದ್ದರೆ ಮೊದಲು ಉಣ್ಣುವುದಿಲ್ಲ, ಕಾಯುತ್ತಾನೆ, ಅದು ಹಸಿವಿಗೆ ವಿರುದ್ಧ, ಅಂದರೆ ಸ್ವಭಾವಕ್ಕೆ ವಿರುದ್ಧ, ಕಲಿತು ಬಂದದ್ದು. ಸೊಟ್ಟ ಮರಕ್ಕೆ ಹಬೆ ಕೊಟ್ಟು ಒತ್ತಿದರೆ ಮಾತ್ರ ನೆಟ್ಟಗಾಗುತ್ತದೆ.

ಇಲ್ಲಿ ಯಾರಾದರೊಬ್ಬರು ಇಂಗ್ಲೆಂಡಿನ ತತ್ವಜ್ಞಾನಿ ಹಾಬ್ಸ್‌ನ ಹೆಸರು ಎತ್ತಿಯೇ ಎತ್ತುತ್ತಾರೆ. ನಾನು ಬಿಡುವುದಿಲ್ಲ. ಹಾಬ್ಸ್ ಷುನ್‌ಜಿಯನ್ನು ಓದಿದವನಲ್ಲ, ಅಷ್ಟೇ ಅಲ್ಲ, ಹಾಬ್ಸ್‌ನ ಹೆಸರು ಬಂದ ಕೂಡಲೇ ಷುನ್‌ಜಿ ರಾಜ ಮತ್ತು ಶಿಕ್ಷೆಯ ಬಗ್ಗೆ ಮಾತ್ರ ಮಾತಾಡಿದವನ ಹಾಗೆ ಕಾಣುತ್ತಾನೆ. ಷುನ್‌ಜಿ ಮನಸ್ಸಿಟ್ಟದ್ದು ವಿಧಿ ಆಚರಣೆಗಳು, ಸಂಗೀತ, ಗುರು, ಕಲಿಕೆ ಇವುಗಳ ಮೇಲೆ.

ಪುಸ್ತಕಕ್ಕೆ ದುಡ್ಡು ಸುರಿಯಬೇಡಿ. ಚೈನೀಸ್ ಟೆಕ್ಸ್ಟ್ ಪ್ರಾಜೆಕ್ಟ್ ವೆಬ್‌ಸೈಟಿನಲ್ಲಿ ಮೂಲದ ಪಕ್ಕದಲ್ಲೇ ಜೇಮ್ಸ್ ಲೆಗ್‌ನ ಇಂಗ್ಲಿಷ್ ಇದೆ, ಪುಕ್ಕಟೆ. ಲೆಗ್‌ನ ಸಂಪುಟಗಳು 1861ರಿಂದ ಹಾಂಗ್‌ಕಾಂಗ್‌ನಲ್ಲಿ ಬಂದವು. ಬಹಳ ಜನ ನೋಡದ ಒಂದು ಸಂಗತಿ: ಮೆನ್ಶಿಯಸ್ ಸಂಪುಟದ ಪೀಠಿಕೆಯ ಭಾಗದಲ್ಲೇ ಅವನು ಷುನ್‌ಜಿಯ ಆ 23ನೇ ಅಧ್ಯಾಯವನ್ನೂ ಇಂಗ್ಲಿಷಿಗೆ ಮಾಡಿ ಸೇರಿಸಿದ್ದಾನೆ. ಅಂದರೆ ಇಡೀ ಜಗಳ ಒಂದೇ ಕಡೆ ಸಿಗುತ್ತದೆ. ಅದರ ಜೊತೆ ಹೊಸ ಇಂಗ್ಲಿಷ್ ಅನುವಾದ ಒಂದಿದ್ದರೆ ಸಾಕು. ಎರಡೂ ಒಪ್ಪದ ಕಡೆ ನಿಂತು ನಾನೇ ಕನ್ನಡ ಮಾಡಿದೆ, ವಾರಕ್ಕೆ ಒಂದೇ ಹಾಳೆ. ಎರಡು ಹಾಳೆ ಕೊಟ್ಟ ವಾರ ಯಾರೂ ಪೂರ್ತಿ ಓದಿ ಬಂದಿರಲಿಲ್ಲ.

ನಡುವೆ ಒಂದು ಕವಲು ಪ್ರಯೋಗ ಮಾಡಿದೆ. ಕನ್ಫ್ಯೂಷಿಯಸ್‌ನ ಮಾತುಗಳ ಸಂಗ್ರಹವಾದ ಲುನ್‌ಯುವಿನ 13ನೇ ಭಾಗದಲ್ಲಿ ಕುರಿ ಕದ್ದ ಅಪ್ಪನ ಮಾತು ಬರುತ್ತದಲ್ಲ, ಮಗ ಅಪ್ಪನ ವಿರುದ್ಧ ಸಾಕ್ಷಿ ಹೇಳಿದ್ದು ನೇರವಂತಿಕೆ ಅಂತ ಒಬ್ಬ ದೊರೆ ಹೊಗಳುತ್ತಾನೆ, ನಮ್ಮ ಕಡೆ ಮಗ ಅಪ್ಪನನ್ನು ಮುಚ್ಚಿಡುತ್ತಾನೆ, ಅಪ್ಪ ಮಗನನ್ನು, ನೇರ ಇರೋದು ಅದರೊಳಗೇ ಅಂತಾನೆ ಕನ್ಫ್ಯೂಷಿಯಸ್. ಇದರ ಜೊತೆ ಮೆನ್ಶಿಯಸ್ ಏಳನೇ ಪುಸ್ತಕದ ಷುನ್ ಚಕ್ರವರ್ತಿಯ ಪ್ರಸಂಗ ಇಟ್ಟೆ (ಇವನು ಷುನ್‌ಜಿ ಅಲ್ಲ, ಪುರಾತನ ಕಾಲದ ಆದರ್ಶ ದೊರೆ). ಷುನ್‌ನ ಅಪ್ಪ ಕೊಲೆ ಮಾಡಿದರೆ ಏನಾಗುತ್ತಿತ್ತು ಅಂತ ಶಿಷ್ಯನೊಬ್ಬ ಕೇಳುತ್ತಾನೆ. ನ್ಯಾಯಾಧಿಕಾರಿ ಹಿಡಿಯುತ್ತಾನೆ, ಅಷ್ಟೇ. ಷುನ್ ತಡೆಯುವುದಿಲ್ಲವಾ? ತಡೆಯಲು ಅವನಿಗೆ ಏನು ಹಕ್ಕಿದೆ. ಮತ್ತೆ ಏನು ಮಾಡುತ್ತಾನೆ? ಸವೆದ ಚಪ್ಪಲಿ ಬಿಟ್ಟ ಹಾಗೆ ರಾಜ್ಯ ಬಿಟ್ಟು, ಅಪ್ಪನನ್ನು ಬೆನ್ನ ಮೇಲೆ ಹೊತ್ತು ಸಮುದ್ರದ ದಂಡೆಗೆ ಓಡಿಹೋಗಿ ಸುಖವಾಗಿ ಬದುಕುತ್ತಾನೆ.

ನಮ್ಮಲ್ಲಿ ಕೋರ್ಟಿನ ಶಿರಸ್ತೇದಾರರಾಗಿ ರಿಟೈರ್ ಆದ ಹಿರಿಯರೊಬ್ಬರಿದ್ದಾರೆ. ಮೊದಲು ಸಿಟ್ಟಾದರು. "ಏನಮ್ಮಾ, ಚಕ್ರವರ್ತಿನೇ ಹೀಗೆ ಓಡಿಹೋದ್ರೆ ಕಾನೂನಿಗೆ ಬೆಲೆ ಎಲ್ಲಿ?" ಅಂದರು. ಮುಂದಿನ ವಾರ ಅವರೇ ಬಂದು ಹೇಳಿದರು, "ಅಲ್ಲಮ್ಮಾ, ಕುರ್ಚಿ ಬಿಟ್ಟು ಓಡಿದ, ಕುರ್ಚೀಲಿ ಕೂತು ಕೇಸು ಮುಚ್ಚಿಸಲಿಲ್ಲ ನೋಡು." ಇಷ್ಟು ಚೆನ್ನಾಗಿ ಈ ಭಾಗವನ್ನು ಬಿಡಿಸಿದ ವಿದ್ವಾಂಸರನ್ನು ನಾನು ಹೆಚ್ಚು ಓದಿಲ್ಲ. ಅದಾದ ಮೇಲೆ ಪ್ಲೇಟೋನ ಯೂತಿಫ್ರೋ ಅನ್ನುವ ಸಂಭಾಷಣೆಯನ್ನು ಇಟ್ಟೆ, ಅಪ್ಪನ ಮೇಲೆ ಕೊಲೆ ಕೇಸು ಹಾಕಲು ಬಂದ ಮಗನ ಕಥೆ. ಪ್ಲೇಟೋ ಚೀನಾ ಓದಿದವನಲ್ಲ, ಹಾಗಾಗಿ ನನ್ನ ನಿಯಮಕ್ಕೆ ಇದು ಹೊರತು. ಆದರೂ ಕೆಲಸ ಮಾಡಿತು, ಯಾಕೆಂದರೆ ಅಷ್ಟು ಹೊತ್ತಿಗೆ ಜನರ ಕೈಯಲ್ಲಿ ಚೀನಾದ ಎರಡು ಪ್ರಸಂಗ ಗಟ್ಟಿಯಾಗಿ ಇದ್ದವು. ಯೂತಿಫ್ರೋನಿಂದಲೇ ಶುರು ಮಾಡಿದ್ದರೆ ಕನ್ಫ್ಯೂಷಿಯಸ್ ಸ್ವಜನಪಕ್ಷಪಾತಿ ಅಂತ ಹತ್ತೇ ನಿಮಿಷದಲ್ಲಿ ತೀರ್ಪು ಬರುತ್ತಿತ್ತು.

ಇನ್ನು ಯೂರೋಪ್. ಇಲ್ಲಿ ನಾನು ಇಡುವ ಮೊದಲ ಹಾಳೆಯಲ್ಲಿ ಬರೀ ಇಸವಿಗಳು. 1687ರಲ್ಲಿ ಪ್ಯಾರಿಸ್‌ನಲ್ಲಿ ಜೆಸ್ವಿಟ್ ಪಾದ್ರಿಗಳು ಕನ್ಫ್ಯೂಷಿಯಸ್‌ನನ್ನು ಲ್ಯಾಟಿನ್‌ಗೆ ತಂದರು, ಆ ಪಂಥದ ನಾಲ್ಕು ಮುಖ್ಯ ಪುಸ್ತಕಗಳಲ್ಲಿ ಮೂರು ಮಾತ್ರ. ಬಿಟ್ಟುಹೋದದ್ದು ಮೆನ್ಶಿಯಸ್! ಅವನು ಲ್ಯಾಟಿನ್‌ನಲ್ಲಿ ಅಚ್ಚಾಗಿ ಬಂದದ್ದು 1711ರಲ್ಲಿ, ಪ್ರಾಗ್‌ನಲ್ಲಿ, ಜೆಸ್ವಿಟ್ ಪಾದ್ರಿ ಫ್ರಾನ್ಸ್ವಾ ನೋಯೆಲ್ ಕೈಯಿಂದ. ಏಳೆಂಟು ವಾರ ಮೆನ್ಶಿಯಸ್ ಜೊತೆ ಗುದ್ದಾಡಿದವರಿಗೆ ಇದು ಕೇಳಿದಾಗ ಆಗುವ ಬೇಸರವೇ ಬೇರೆ. 1708ರಲ್ಲಿ ಫ್ರಾನ್ಸಿನ ತತ್ವಜ್ಞಾನಿ ಮಾಲ್‌ಬ್ರಾಂಶ್ ಒಬ್ಬ ಕ್ರೈಸ್ತ ತತ್ವಜ್ಞಾನಿ ಮತ್ತು ಒಬ್ಬ ಚೀನೀ ತತ್ವಜ್ಞಾನಿಯ ಸಂಭಾಷಣೆ ಬರೆದಾಗ, ಆ ಚೀನೀಯ ಬಾಯಲ್ಲಿ ಮೆನ್ಶಿಯಸ್‌ನ ಬಾವಿ ಇಲ್ಲ, ಮರ ಇಲ್ಲ. ಮಾಲ್‌ಬ್ರಾಂಶ್ ಒಳಗೊಳಗೇ ಗುದ್ದಾಡುತ್ತಿದ್ದದ್ದು ಯೂರೋಪಿನವನೇ ಆದ ತತ್ವಜ್ಞಾನಿ ಸ್ಪಿನೋಜಾ ಜೊತೆ ಅಂತ ನನ್ನ ಅನಿಸಿಕೆ. ಲೈಬ್ನಿಜ್ ಮೇಲೆ ನನಗೆ ಗೌರವ ಜಾಸ್ತಿ. ಚೀನಾದವರು ನಾಸ್ತಿಕರು, ಅವರ 'ಲೀ' (ಎಲ್ಲದರ ಮೂಲತತ್ವ) ಬರೀ ಜಡ ಅಂತ ಬರೆದಿದ್ದ ಜೆಸ್ವಿಟ್ ಪಾದ್ರಿ ಲೊಂಗೊಬಾರ್ದಿಯ ಪುಸ್ತಕವನ್ನೇ ಇಟ್ಟುಕೊಂಡು, ಅದರಲ್ಲಿ ಕೊಟ್ಟಿದ್ದ ಉಲ್ಲೇಖಗಳಿಂದಲೇ ಉಲ್ಟಾ ವಾದ ಕಟ್ಟಿದ. 1716ರಲ್ಲಿ ಸಾಯುವಾಗ ಅದಿನ್ನೂ ಮುಗಿದಿರಲಿಲ್ಲ.

ಕೂಟ ಬಿಸಿಯೇರುವುದು ವೋಲ್ಫ್ ಬಂದಾಗ. 1721ರ ಜುಲೈ 12ರಂದು ಜರ್ಮನಿಯ ಹಾಲೆ ವಿಶ್ವವಿದ್ಯಾಲಯದ ಆಡಳಿತದ ಅಧಿಕಾರ ಬಿಟ್ಟುಕೊಡುವ ಭಾಷಣದಲ್ಲಿ, ಚೀನಾದವರು ದೈವವಾಣಿಯ ಸಹಾಯವಿಲ್ಲದೆ ಬರೀ ವಿವೇಕದಿಂದ ನೀತಿಯನ್ನು ಕಂಡುಕೊಂಡರು ಅಂತ ಹೇಳಿದ. ಅವನು ನೆಚ್ಚಿಕೊಂಡಿದ್ದು ನೋಯೆಲ್‌ನ ಅನುವಾದವನ್ನು. ಅವನ ಜಾಗಕ್ಕೆ ಬರುತ್ತಿದ್ದವನೇ ಲಾಂಗೆ ಅನ್ನುವ ಧರ್ಮಶಾಸ್ತ್ರಿ, ಅವನು ಬಿಡಲಿಲ್ಲ. 1723ರಲ್ಲಿ ಪ್ರಷ್ಯದ ರಾಜ 48 ಗಂಟೆಯೊಳಗೆ ದೇಶ ಬಿಡು, ಇಲ್ಲದಿದ್ದರೆ ನೇಣು ಅಂದ. ಹೊಸ ರಾಜ ಫ್ರೆಡರಿಕ್ ಬಂದಮೇಲೆ 1740ರಲ್ಲಿ ವೋಲ್ಫ್ ವಾಪಸ್ ಬಂದ. ಆಗ ನಾನು ಕೂಟಕ್ಕೆ ಹಾಕುವ ಕೆಲಸ ಇದು: ವೋಲ್ಫ್‌ನ ಈ ಮಾತಿಗೆ ಮೆನ್ಶಿಯಸ್ ಒಪ್ಪುತ್ತಿದ್ದನಾ? ಎರಡನೇ ಸುತ್ತಿನವರು ಒಪ್ಪುವುದಿಲ್ಲ ಅಂದರು. ಮೆನ್ಶಿಯಸ್‌ಗೆ ಮೊದಲು ಎದೆ ಧಸಕ್ಕೆನ್ನಬೇಕು, ವೋಲ್ಫ್ ಬರೀ ತಲೆಯಿಂದ ಶುರು ಮಾಡುತ್ತಾನೆ ಅಂತ. ಇದು ಅವರೇ ಓದಿ ಮುಟ್ಟಿದ ಮಾತು, ನಾನು ಹೇಳಿಕೊಟ್ಟದ್ದಲ್ಲ. ನನ್ನ ಗೆಳೆಯರಿಗೆ ಉತ್ತರ ಸಿಕ್ಕಿದ್ದು ಇಲ್ಲೇ.

ಬರೀ ವಿವೇಕ ಸಾಲದು ಅನ್ನುವ ಆ ಕೊರತೆಯನ್ನು ಚೀನಾದ ಕಡೆಯಿಂದ ಒಬ್ಬರು ತುಂಬಿದರು, ವಿಶ್ವಸಂಸ್ಥೆಯಲ್ಲಿ ಚೀನಾದ ಪ್ರತಿನಿಧಿಯಾಗಿದ್ದ ಝಾಂಗ್ ಪೆಂಗ್‌ಚುನ್. 1947ರಲ್ಲಿ ವಿಶ್ವಸಂಸ್ಥೆಯ ಮಾನವ ಹಕ್ಕುಗಳ ಘೋಷಣೆಯ ಕರಡು ನಡೆಯುತ್ತಿದ್ದಾಗ, ಮನುಷ್ಯನಿಗೆ ವಿವೇಕ ಇದೆ ಅಂದರೆ ಸಾಲದು, ಎದುರಿಗಿರುವವನೂ ನನ್ನ ಹಾಗೇ ಅನ್ನುವ ಅರಿವೂ ಸೇರಬೇಕು ಅಂತ ಕನ್ಫ್ಯೂಷಿಯಸ್ ಪಂಥದ ವಿಚಾರವನ್ನು ಮುಂದಿಟ್ಟವರು ಅವರು. ಮೊದಲ ಪರಿಚ್ಛೇದದಲ್ಲಿ ವಿವೇಕದ ಪಕ್ಕ ಅಂತಃಸಾಕ್ಷಿಯೂ ಇರುವುದರ ಹಿಂದೆ ಈ ಮಾತಿದೆ. ಅದೇ ಪರಿಚ್ಛೇದದಲ್ಲಿ 'ಎಲ್ಲ ಪುರುಷರು' ಅನ್ನುವ ಅರ್ಥ ಬಾರದ ಹಾಗೆ 'ಎಲ್ಲ ಮಾನವರು' ಅಂತ ಮಾಡಿಸಲು ಹೋರಾಡಿದವರು ನಮ್ಮ ಹಂಸಾ ಮೆಹ್ತಾ. 1948ರ ಡಿಸೆಂಬರ್ 10ರಂದು ಪ್ಯಾರಿಸ್‌ನಲ್ಲಿ 48 ದೇಶಗಳು ಒಪ್ಪಿದವು, 8 ದೂರ ಉಳಿದವು, ವಿರೋಧ ಒಂದೂ ಇಲ್ಲ. ಈ ಒಂದು ಪರಿಚ್ಛೇದವನ್ನು ನಾವು ಎರಡೂವರೆ ಗಂಟೆ ಓದಿದೆವು, ಬಾವಿಯ ಮಗುವಿನ ಹಾಳೆಯನ್ನು ಪಕ್ಕದಲ್ಲಿ ಇಟ್ಟುಕೊಂಡೇ.

ಇನ್ನೊಂದು ಕವಲು: ನಾನು ಸ್ವಲ್ಪ ಹಳೇ ಚೈನೀಸ್ ಕಲಿಯಲು ಹೋದೆ. ಆನ್‌ಲೈನ್ ಟೀಚರ್, ಗಂಟೆಗೆ ಸುಮಾರು 1000 ರೂಪಾಯಿ, ಹೆಚ್ಚುಕಮ್ಮಿ ಒಂದು ವರ್ಷ. ದುಬಾರಿ, ಆದರೆ ಈ ದುಡ್ಡು ನೀರಿಗೆ ಹೋಗಲಿಲ್ಲ. ಎರಡು ಅನುವಾದ ಬೇರೆ ಬೇರೆ ದಾರಿ ಹಿಡಿದಾಗ ಮೂಲದಲ್ಲಿ ಯಾವ ಸಾಲು ಅಂತ ಬೆರಳಿಟ್ಟು ತೋರಿಸುವಷ್ಟು ಬಂತು. ಕೂಟ ನಡೆಸಲು ಅಷ್ಟು ಸಾಕು, ಪಂಡಿತರಾಗಬೇಕಿಲ್ಲ.

ತಾವೋ ಪಂಥದ ಝುವಾಂಗ್‌ಜಿಯನ್ನು ಮಾತ್ರ ಈ ದಾರಿಯಲ್ಲಿ ತರಲು ಇನ್ನೂ ಆಗಿಲ್ಲ. ಹಾವ್ ನದಿಯ ಸೇತುವೆ ಮೇಲೆ ಅವನ ಗೆಳೆಯ, ತರ್ಕವಾದಿ ಹುಯಿಜಿ ಜೊತೆ ಮೀನಿನ ಸುಖದ ಬಗ್ಗೆ ವಾದ ಆಗುತ್ತದಲ್ಲ, ನೀನು ಮೀನಲ್ಲ, ಮೀನಿನ ಸುಖ ನಿನಗೆ ಹೇಗೆ ಗೊತ್ತು ಅಂತ, ಅದಕ್ಕೆ ಪಕ್ಷ ಕಟ್ಟಿ ನೋಡಿದೆವು. ಹುಯಿಜಿ ಕಡೆಯವರು ಪ್ರತಿ ಸಲ ಗೆಲ್ಲುತ್ತಾರೆ, ಝುವಾಂಗ್‌ಜಿ ಕಡೆಯವರು ನಗುತ್ತಾ ಕೂರುತ್ತಾರೆ, ವಾದ ಅಲ್ಲಿಗೇ ನಿಲ್ಲುತ್ತದೆ. ಮೂರನೇ ಸುತ್ತಿನಲ್ಲಿ ಅದನ್ನು ಬಿಟ್ಟು, ಎಲ್ಲರನ್ನೂ ಸಮನಾಗಿ ಪ್ರೀತಿಸಬೇಕು ಅಂದ ಹಳೇ ಚೀನೀ ಚಿಂತಕ ಮೋಜಿಯನ್ನು ಇಡುತ್ತಿದ್ದೇನೆ. ದೂರದ ಪ್ರಯಾಣಕ್ಕೆ ಹೊರಟರೆ ಅಪ್ಪ ಅಮ್ಮ ಹೆಂಡತಿ ಮಕ್ಕಳನ್ನು ಯಾರ ಕೈಲಿ ಬಿಟ್ಟು ಹೋಗುತ್ತೀಯ, ಎಲ್ಲರನ್ನೂ ಸಮನಾಗಿ ನೋಡುವವನ ಕೈಲೋ, ತನ್ನವರನ್ನು ಮಾತ್ರ ನೋಡುವವನ ಕೈಲೋ ಅನ್ನುವ ಅವನ ಪ್ರಶ್ನೆಯಿಂದ ಶುರು. ಶಿರಸ್ತೇದಾರರು ಈಗಾಗಲೇ ಮೋಜಿಯ ಎದುರು ಪಕ್ಷಕ್ಕೆ ಹೆಸರು ಕೊಟ್ಟಿದ್ದಾರೆ. ಮೆನ್ಶಿಯಸ್, ಷುನ್‌ಜಿ ಕನ್ನಡ ಹಾಳೆಗಳು ಬೇಕಾದ ಓದುಕೂಟದವರು ಕೇಳಿ, ಕೊಡುತ್ತೇನೆ. ಪ್ರಶ್ನೆಗಳ ಪಟ್ಟಿಯನ್ನು ಮಾತ್ರ ನೀವೇ ಮಾಡಿಕೊಳ್ಳಬೇಕು.