ಧರ್ಮರಾಯನ ಗದ್ದೆಗೆ ನೀರು ಬಂದ ರಾತ್ರಿ

ಕಾಮಿಡಿ ಡೈರೆಕ್ಷನ್ ಎಲ್ಲಿ ಕಲಿತಿರಿ ಸಾರ್ ಎಂದು ಹೊಸದಾಗಿ ಸೇರುವ ಹುಡುಗರು ಕೇಳುತ್ತಾರೆ. ಕಲಿತದ್ದು ಪಾಂಡವಪುರ ತಾಲ್ಲೂಕಿನ ನಮ್ಮೂರಲ್ಲಿ, ಮಾರಿಗುಡಿ ಮುಂದಿನ ಬಯಲಿನಲ್ಲಿ, ಒಂದೇ ರಾತ್ರಿ. ಆಮೇಲಿನ ಇಪ್ಪತ್ತೈದು ವರ್ಷ ಟಿವಿಯಲ್ಲೂ ಸಿನಿಮಾದಲ್ಲೂ ಆ ರಾತ್ರಿಯನ್ನೇ ಮತ್ತೆ ಮತ್ತೆ ಬಿಡಿಸಿ ನೋಡಿದ್ದೇನೆ.

ಮಂಡ್ಯ ಸೀಮೆಯಲ್ಲಿ ಪೌರಾಣಿಕ ನಾಟಕ ಕಟ್ಟುವ ಹುಚ್ಚು ಇವತ್ತಿಗೂ ಇಳಿದಿಲ್ಲ. ಹಾರ್ಮೋನಿಯಂ ಮೇಷ್ಟ್ರು ತಿಂಗಳುಗಟ್ಟಲೆ ಊರಿಗೆ ಬಂದು ಕಬ್ಬು ಕಡಿಯುವವರಿಗೆ, ಗದ್ದೆ ಉಳುವವರಿಗೆ ಪದ್ಯ ಕಲಿಸುತ್ತಾರೆ. ಸೀನರಿ, ಡ್ರೆಸ್ಸು ಬಾಡಿಗೆಗೆ ಬರುತ್ತವೆ. ಆ ವರ್ಷ ನಮ್ಮೂರಲ್ಲಿ ಕುರುಕ್ಷೇತ್ರ. ನಮ್ಮ ದೊಡ್ಡಪ್ಪ ಧರ್ಮರಾಯ. ಜೂಜಿನ ಸೀನು ನಡೆಯುತ್ತಿದೆ, ಶಕುನಿ ದಾಳ ಎತ್ತಿ ಹಿಡಿದಿದ್ದಾನೆ, ಹೊತ್ತು ನಡುರಾತ್ರಿ ದಾಟಿದೆ. ಜನರ ಹಿಂದಿನಿಂದ ಒಬ್ಬ ಹುಡುಗ ಓಡಿಬಂದು ಕೂಗಿದ: "ಅಣ್ಣೋ, ನಾಲೇಲಿ ನೀರ್ ಬುಟ್ಟವ್ರೆ ಕನಣ್ಣೋ! ನಿಮ್ ತೂಬಿನ್ ತಾವ್ಕೇ ಬತ್ತಾ ಐತೆ!"

ವಿಶ್ವೇಶ್ವರಯ್ಯ ನಾಲೆಯ ಕವಲೊಂದರ ಕೊನೆ ಭಾಗದಲ್ಲಿ ಗದ್ದೆ ಇರುವವರಿಗೆ ಮಾತ್ರ ಆ ಕೂಗಿನ ಬೆಲೆ ಗೊತ್ತು. ಆ ಸರದಿ ತಪ್ಪಿದರೆ ಪೈರು ಒಣಗುತ್ತದೆ. ದೊಡ್ಡಪ್ಪ ಒಂದು ಗಳಿಗೆ ನಿಂತರು. ಆಮೇಲೆ ಶಕುನಿಯ ಕಡೆ ತಿರುಗಿ ಅದೇ ನಾಟಕದ ಗಂಭೀರ ಕನ್ನಡದಲ್ಲಿ, "ಮಾವನವರೇ, ದಾಳವನ್ನು ಹಾಗೆಯೇ ಹಿಡಿದಿರಿ, ಇದೋ ಬಂದೆ" ಎಂದು ಹೇಳಿ, ತಲೆಯ ಮೇಲೆ ಕಿರೀಟ ಇದ್ದ ಹಾಗೇ, ಗ್ಯಾಸ್ ಲೈಟು ಹಿಡಿದು ಗದ್ದೆ ಕಡೆ ನಡೆದರು.

ಜನ ಮೊದಲು ಸುಮ್ಮನಿದ್ದರು. ನಗು ಒಡೆದದ್ದು ಎಲ್ಲರೂ ಶಕುನಿಯತ್ತ ತಿರುಗಿದಾಗ. ಆತ ನಿಜವಾಗಿಯೂ ದಾಳ ಹಿಡಿದ ಕೈ ಇಳಿಸಿರಲಿಲ್ಲ. ಧರ್ಮರಾಯ ಹೇಳಿಹೋಗಿದ್ದಾನಲ್ಲ! ಮೇಷ್ಟ್ರು ಹಾರ್ಮೋನಿಯಂನಲ್ಲಿ ಅದೇ ರಾಗ ಎಳೆಯುತ್ತಲೇ ಇದ್ದರು. ಅರ್ಧ ಗಂಟೆ ಆದ ಮೇಲೆ ದೊಡ್ಡಪ್ಪ ಮೊಣಕಾಲುದ್ದ ಕೆಸರಿನಲ್ಲಿ ಬಂದು, ಬಿಟ್ಟ ಪದ್ಯವನ್ನು ಬಿಟ್ಟ ಸಾಲಿನಿಂದಲೇ ಎತ್ತಿಕೊಂಡರು. ನಕ್ಕು ನಕ್ಕು ಹೆಂಗಸರ ಕಣ್ಣಲ್ಲಿ ನೀರು. ಮಾರನೇ ದಿನ ದೊಡ್ಡಪ್ಪ ಅವ್ವನನ್ನು ಕೇಳಿದ್ದು ನನಗೆ ಇನ್ನೂ ನೆನಪಿದೆ: "ಅಷ್ಟೊಂದ್ ಯಾಕವ್ವಾ ನಕ್ಕುದ್ದು? ನೀರು ಬುಟ್ಕೊಳ್ದೆ ಇರಕ್ಕಾಯ್ತದಾ?"

ನನ್ನ ಕಸುಬು ಇಷ್ಟೇ. ನಗಿಸುವ ಪಾತ್ರಕ್ಕೆ ತಾನು ನಗಿಸುತ್ತಿದ್ದೇನೆಂಬುದು ಗೊತ್ತಿರಬಾರದು. ಅದಕ್ಕೆ ತನ್ನ ಗದ್ದೆಯೂ ದೊಡ್ಡದು, ತನ್ನ ರಾಜ್ಯವೂ ದೊಡ್ಡದು. ಆ ಗಾಂಭೀರ್ಯ ಕೆಡದ ಹಾಗೆ ಕಾಯುವುದು ನಿರ್ದೇಶಕನ ಕೆಲಸ.

1992ರಲ್ಲಿ ಡಿಗ್ರಿಗೆಂದು ಮೈಸೂರಿಗೆ ಬಂದೆ. ಬಿ.ವಿ. ಕಾರಂತರು ರಂಗಾಯಣ ಕಟ್ಟಿ ಆಗಿನ್ನೂ ಮೂರು ವರ್ಷವಾಗಿತ್ತು. ಸಂಜೆ ಕಾಲೇಜು ಬಿಟ್ಟವನು ನೇರ ಅಲ್ಲಿಗೆ ಹೋಗುತ್ತಿದ್ದೆ. ಅಲ್ಲಿನ ಬಯಲು ರಂಗ ವನರಂಗದಲ್ಲಿ ನಾಟಕ ನೋಡುವಾಗ ನನ್ನ ಕಣ್ಣು ಮಾತಾಡುವ ನಟನ ಮೇಲೆ ಇರುತ್ತಿರಲಿಲ್ಲ, ಪಕ್ಕದಲ್ಲಿ ಸುಮ್ಮನೆ ನಿಂತವನ ಮೇಲಿರುತ್ತಿತ್ತು. ಶಕುನಿಯ ಎತ್ತಿದ ಕೈ ಹತ್ತಿಸಿದ ಚಟ ಅದು.

ಸಿನಿಮಾಕ್ಕೆ ಹೋಗುತ್ತೇನೆ ಎಂದಾಗ ಅವ್ವ ಒಪ್ಪಲಿಲ್ಲ. 1989ರ ಫೆಬ್ರವರಿಯಲ್ಲಿ ಮೈಸೂರಿನ ಸ್ಟುಡಿಯೊ ಒಂದರಲ್ಲಿ ಧಾರಾವಾಹಿಯ ಶೂಟಿಂಗ್ ನಡೆಯುವಾಗ ಬೆಂಕಿ ಬಿದ್ದು 62 ಜನ ತೀರಿಕೊಂಡಿದ್ದರು. ನಮ್ಮ ಕಡೆ ಎಷ್ಟೋ ಮನೆಗಳಲ್ಲಿ ಸಿನಿಮಾ ಎಂದರೆ ಆ ಸುದ್ದಿಯೇ ನೆನಪಾಗುತ್ತಿತ್ತು. "ಜನ ಬೆಂದೋದ ಕೆಲ್ಸ ಕಣ್ಲಾ ಅದು" ಎಂದು ಅವ್ವ ಅತ್ತರು. ಆ ಮಾತು ನನ್ನನ್ನು ಬಿಟ್ಟಿಲ್ಲ. ಇವತ್ತಿಗೂ ಯಾವುದೇ ಸೆಟ್ಟಿಗೆ ಹೋದರೂ ಮೊದಲು ನೋಡುವುದು ಹೊರಗೆ ಹೋಗಲು ಎಷ್ಟು ಬಾಗಿಲಿವೆ, ಅವು ತೆರೆದಿವೆಯೇ ಎಂದು. ಆಮೇಲೆ ಕ್ಯಾಮೆರಾ ಜಾಗ.

ಬೆಂಗಳೂರಿನಲ್ಲಿ ಏಳು ವರ್ಷ ಅಸಿಸ್ಟೆಂಟ್. ಮೊದಲು ಕ್ಲ್ಯಾಪು, ಆಮೇಲೆ ಕಂಟಿನ್ಯುಟಿ, ಅಂದರೆ ಒಂದು ಶಾಟಿನಿಂದ ಇನ್ನೊಂದಕ್ಕೆ ಬಟ್ಟೆ, ಸಾಮಾನು ಬದಲಾಗದಂತೆ ನೋಡಿಕೊಳ್ಳುವುದು. ಆಗ ಇನ್ನೂ ಫಿಲ್ಮಿನ ಕಾಲ. 35 ಎಂಎಂನಲ್ಲಿ ಒಂದು ನಿಮಿಷಕ್ಕೆ 90 ಅಡಿ ಓಡುತ್ತದೆ. 400 ಅಡಿಯ ಒಂದು ಕ್ಯಾನು ನಾಲ್ಕೂವರೆ ನಿಮಿಷಕ್ಕೆ ಖಾಲಿ. ಮೂರನೇ ಟೇಕ್ ಕೇಳಿದರೆ ಪ್ರೊಡಕ್ಷನ್ ಮ್ಯಾನೇಜರ್ ಗಡಿಯಾರ ನೋಡುತ್ತಿದ್ದರು. ಹಾಸ್ಯದ ಸೀನಿನಲ್ಲಿ ನಟನ ಮೊದಲ ಎರಡು ಟೇಕಿನಲ್ಲಿರುವ ಜೀವ ನಾಲ್ಕನೆಯದರಲ್ಲಿ ಇರುವುದಿಲ್ಲ ಎಂಬುದನ್ನು ನನಗೆ ಕಲಿಸಿದ್ದು ಈ ಜಿಪುಣತನವೇ. ಆದ್ದರಿಂದ ಲೈಟಿಂಗ್, ಫೋಕಸ್, ಟ್ರಾಲಿಯ ಓಡಾಟ ಎಲ್ಲದಕ್ಕೂ ನಟರ ಜಾಗದಲ್ಲಿ ಅಸಿಸ್ಟೆಂಟುಗಳನ್ನು ನಿಲ್ಲಿಸಿ ರಿಹರ್ಸಲ್ ಮಾಡುತ್ತೇನೆ. ನಟರಿಗೆ ಜಾಗ ತೋರಿಸುತ್ತೇನೆ, ಮಾತು ಒಪ್ಪಿಸಿಕೊಳ್ಳುತ್ತೇನೆ, ಪೂರ್ತಿ ಅಭಿನಯ ಮಾಡಿಸುವುದಿಲ್ಲ. ಅದು ಕ್ಯಾಮೆರಾ ಓಡುವಾಗ ಮೊದಲ ಸಲ ಆಗಬೇಕು. ಡಿಜಿಟಲ್ ಬಂದ ಮೇಲೂ ಇದನ್ನು ಬಿಟ್ಟಿಲ್ಲ.

2000ದಲ್ಲಿ ಈಟಿವಿ ಕನ್ನಡ ಶುರುವಾಯಿತು. ಉದಯ ಟಿವಿ 1994ರಿಂದಲೇ ಇತ್ತು. ಎರಡು ಕಡೆಯೂ ಧಾರಾವಾಹಿ ಬೇಕು ಎನ್ನುವ ಹೊತ್ತಿಗೆ ನನ್ನಂಥವರಿಗೆ ಬಾಗಿಲು ತೆರೆಯಿತು. ಸಿನಿಮಾದಲ್ಲಿ ದಿನಕ್ಕೆ ಮೂರು ನಿಮಿಷ ತೆಗೆದರೆ ಸಮಾಧಾನ ಪಡುತ್ತಿದ್ದವನು ಇಲ್ಲಿ ದಿನಕ್ಕೆ ಒಂದು ಕಂತು ಮುಗಿಸಬೇಕಿತ್ತು. ಜಾಹೀರಾತು ಕಳೆದು ಅರ್ಧ ಗಂಟೆಯ ಸ್ಲಾಟಿನಲ್ಲಿ ಇಪ್ಪತ್ತೆರಡು ನಿಮಿಷ. ಆ ಓಟದಲ್ಲಿ ಎಲ್ಲರೂ ಮೊದಲು ಬಲಿ ಕೊಡುವುದು ರಿಯಾಕ್ಷನ್ ಶಾಟ್. ಮಾತಾಡುವವನ ಕ್ಲೋಸ್ ತೆಗೆದು, ಕೇಳುವವನದು ಆಮೇಲೆ ನೋಡೋಣ ಎನ್ನುತ್ತಾರೆ. ಆ ಆಮೇಲೆ ಬರುವುದೇ ಇಲ್ಲ, ಬೆಳಕು ಹೋಗಿರುತ್ತದೆ. ನಾನು ಇದನ್ನು ತಿರುಗಿಸಿದೆ: ಕೇಳುವವನ ಮುಖ ಮೊದಲು. ಎದುರಿನವನು ನಿಜವಾಗಿ ಮಾತಾಡುವಾಗಲೇ, ಆ ಮಾತು ಹೊಸದಾಗಿ ಕಿವಿಗೆ ಬೀಳುವಾಗಲೇ. ಕ್ಯಾಮೆರಾಮನ್‌ಗಳಿಗೆ ಇದು ಉಲ್ಟಾ ಅನ್ನಿಸಿತು. ಎಡಿಟಿಂಗ್ ಟೇಬಲ್ಲಿನಲ್ಲಿ ಕೂತ ಮೇಲೆ ಒಪ್ಪಿದರು.

ಎಡಿಟಿಂಗ್ ವಿಷಯಕ್ಕೆ ಬಂದರೆ ನಾನು ತುಂಬ ಹಟದವನು. ನಮ್ಮ ಟಿವಿಯಲ್ಲಿ ಸೆಕೆಂಡಿಗೆ 25 ಫ್ರೇಮು. ಮಾತು ಮುಗಿದ ಮೇಲೆ ಕೇಳುವವನ ಮುಖಕ್ಕೆ ಎಷ್ಟು ಫ್ರೇಮಿನ ನಂತರ ಹೋಗಬೇಕು ಎಂಬುದರ ಮೇಲೆ ನಗು ನಿಂತಿದೆ. ತಕ್ಷಣ ಕಟ್ ಮಾಡಿದರೆ ಪ್ರೇಕ್ಷಕನಿಗೆ ಅರ್ಥ ಆಗುವ ಮೊದಲೇ ಮುಖ ಬಂದಿರುತ್ತದೆ, ಒಂದು ಸೆಕೆಂಡು ಬಿಟ್ಟರೆ ಹಳಸಿರುತ್ತದೆ. ಹೆಚ್ಚಿನ ಕಡೆ ನನಗೆ ಆರರಿಂದ ಹತ್ತು ಫ್ರೇಮು ಸರಿಹೋಗಿದೆ. ಮಂಡ್ಯದ ಮಾತಿನ ಎಳೆತ ಇದ್ದರೆ ಇನ್ನೂ ನಾಲ್ಕು ಜಾಸ್ತಿ, ಯಾಕೆಂದರೆ ನಮ್ಮ ಜನ ವಾಕ್ಯ ಮುಗಿದ ಮೇಲೂ ಒಂದು "ಕನಪ್ಪಾ" ಬಾಕಿ ಇಟ್ಟುಕೊಂಡಿರುತ್ತಾರೆ.

ಮೊದಲ ಧಾರಾವಾಹಿಯಲ್ಲೇ ದೊಡ್ಡಪ್ಪನ ಸೀನು ತೆಗೆಯಲು ಹೋಗಿ ಸೋತೆ. ನುರಿತ ನಟರೇ ಧರ್ಮರಾಯ. ಆದರೆ ಕಿರೀಟ ಹಾಕಿಕೊಂಡು ಗದ್ದೆಗೆ ಹೊರಡುವಾಗ ಅವರ ಹುಬ್ಬು ಒಂಚೂರು ಮೇಲೆ ಹೋಗುತ್ತಿತ್ತು, ಇದು ತಮಾಷೆ ಎಂದು ನಮಗೆ ಹೇಳುವ ಹಾಗೆ. ಮೂರು ಟೇಕಾದರೂ ಹುಬ್ಬು ಇಳಿಯಲಿಲ್ಲ. ಸೆಟ್ಟಿನವರು ನಕ್ಕರು, ನನಗೆ ಮಾತ್ರ ಸರಿ ಕಾಣಲಿಲ್ಲ. ಅವರನ್ನು ಪಕ್ಕಕ್ಕೆ ಕೂರಿಸಿಕೊಂಡು ನಾಲೆಯ ಕೊನೆ ಭಾಗದ ಕಷ್ಟ ಹೇಳಿದೆ: ಮೇಲಿನವರು ತಿರುಗಿಸಿಕೊಂಡ ನೀರು, ರಾತ್ರಿಯೆಲ್ಲ ತೂಬಿನ ಪಕ್ಕ ಕಾಯುವುದು, ಸೊಸೈಟಿ ಸಾಲ. ಅವರು ಏನೂ ಅನ್ನಲಿಲ್ಲ. ನಾಲ್ಕನೇ ಟೇಕಿನಲ್ಲಿ ಹೊರಟ ಧರ್ಮರಾಯನ ನಡಿಗೆಯೇ ಬೇರೆ, ಗಾಬರಿಯಲ್ಲಿ ಓಡಬೇಕು ಅನ್ನಿಸಿದರೂ ರಾಜನಾಗಿ ನಡೆಯಬೇಕಾದವನ ನಡಿಗೆ. ನಾಲ್ಕನೇ ಟೇಕಿನಲ್ಲಿ ಜೀವ ಇರುವುದಿಲ್ಲ ಎಂಬ ನನ್ನ ಲೆಕ್ಕ ಆವತ್ತು ತಪ್ಪಿತು.

ಆ ಕಂತು ಪ್ರಸಾರವಾದಾಗ ಚಾನೆಲ್ಲಿನವರು ಅದರ ಮೇಲೆ ಲಾಫ್ಟರ್ ಟ್ರ್ಯಾಕ್, ಅಂದರೆ ಮೊದಲೇ ರೆಕಾರ್ಡ್ ಮಾಡಿಟ್ಟ ನಗು, ಸುರಿದಿದ್ದರು. ಶಕುನಿ ಕೈ ಎತ್ತಿ ಕೂತ ಮೌನದ ಮೇಲೂ ಯಾರದೋ ನಗು. ಎಲ್ಲಿ ನಗಬೇಕು ಎಂದು ಜನರಿಗೆ ಹೇಳಿಕೊಡುವುದು ಅವರನ್ನು ಕಡೆಗಣಿಸಿದಂತೆ ಎಂದು ಜಗಳ ಮಾಡಿದೆ. ಒಪ್ಪಲಿಲ್ಲ. ಐವತ್ತೆರಡು ಕಂತು ಅದೇ ನಗುವಿನಲ್ಲಿ ಹೋಯಿತು, ಆ ನೋವು ಇನ್ನೂ ಇದೆ. ಅಲ್ಲಿಂದ ಮುಂದೆ ಅಗ್ರಿಮೆಂಟಿನಲ್ಲೇ ಲಾಫ್ಟರ್ ಟ್ರ್ಯಾಕ್ ಇಲ್ಲ ಎಂದು ಬರೆಸುತ್ತೇನೆ. ಈ ಒಂದು ಸಾಲಿಗಾಗಿ ಎರಡು ಕೆಲಸ ಕಳೆದುಕೊಂಡಿದ್ದೇನೆ.

ಭಾಷೆಯ ವಿಷಯ ಇದಕ್ಕಿಂತ ದೊಡ್ಡದು. ತೆರೆಯ ಮೇಲೆ ಮಂಡ್ಯದವನು ಬಾಯಿ ತೆರೆದರೆ ನಗಬೇಕು ಎಂಬ ರೂಢಿ ಬೆಳೆದುಬಿಟ್ಟಿದೆ. "ಎಂಗೆ", "ಒಸಿ", "ಮಡಗು" ಎಂದರೆ ಸಾಕು, ಬರಹಗಾರ ಜೋಕ್ ಬರೆದೆ ಎಂದುಕೊಳ್ಳುತ್ತಾನೆ. ನಮ್ಮ ಮನೆಯಲ್ಲಿ ಆ ಮಾತಿನಲ್ಲೇ ಮದುವೆ ಮಾತುಕತೆ ನಡೆದಿದೆ, ಸಾವಿನ ಮನೆಯಲ್ಲಿ ಆ ಮಾತಿನಲ್ಲೇ ಹಾಡಿ ಅತ್ತಿದ್ದಾರೆ. ಆದ್ದರಿಂದ ಸ್ಕ್ರಿಪ್ಟ್ ಕೈಗೆ ಬಂದಾಗ ನಾನೊಂದು ಪರೀಕ್ಷೆ ಮಾಡುತ್ತೇನೆ. ಆ ಸೀನಿನ ಮಾತನ್ನೆಲ್ಲ ಪುಸ್ತಕದ ಕನ್ನಡಕ್ಕೆ ತಿರುಗಿಸಿ ಓದಿಸುತ್ತೇನೆ. ಆಗಲೂ ನಗು ಬಂದರೆ ಸೀನಿನಲ್ಲಿ ಹುರುಳಿದೆ, ಮತ್ತೆ ಮಂಡ್ಯದ ಮಾತಿಗೆ ತರುತ್ತೇನೆ. ಬರದಿದ್ದರೆ ಅಲ್ಲಿ ಇದ್ದದ್ದು ಉಚ್ಚಾರಣೆಯ ಅಣಕ ಮಾತ್ರ, ಹರಿದು ಬಿಸಾಕುತ್ತೇವೆ. ನಟರಿಗೂ ಇದೇ ಮಾತು: ಹಕಾರ ಬಿಡುವುದನ್ನು ಅಭ್ಯಾಸ ಮಾಡಬೇಡಿ, ಶ್ರೀರಂಗಪಟ್ಟಣದ ಸಂತೆಯಲ್ಲಿ ಎರಡು ದಿನ ಸುಮ್ಮನೆ ನಿಂತು ಕೇಳಿಸಿಕೊಳ್ಳಿ.

2012ರಲ್ಲಿ ಸಿನಿಮಾ ಮಾಡಿದೆ. ಹೆಚ್ಚಿನ ಭಾಗ ಶ್ರೀರಂಗಪಟ್ಟಣ ತಾಲ್ಲೂಕಿನ ಮಹದೇವಪುರದಲ್ಲಿ. ಎಷ್ಟೋ ಚಿತ್ರಗಳ ಶೂಟಿಂಗ್ ಕಂಡ ಊರು ಅದು, ಕ್ಯಾಮೆರಾ ಮುಂದೆ ಯಾರೂ ಬಿಗಿಯಾಗುವುದಿಲ್ಲ. ಡಬ್ಬಿಂಗಿನಲ್ಲಿ ಮಾತಿನ ಲಯ ಸಾಯುತ್ತದೆ ಎಂದು ಹಟ ಹಿಡಿದು ಸ್ಥಳದಲ್ಲೇ ಧ್ವನಿ ಹಿಡಿದೆವು. ಪಂಪ್‌ಸೆಟ್, ಕಬ್ಬಿನ ಲಾರಿ, ಕೋಳಿ ಎಲ್ಲದರೊಂದಿಗೆ ಹೋರಾಡಿದ್ದಕ್ಕೆ ಒಂದು ವಾರ ಹೆಚ್ಚು ಬೇಕಾಯಿತು. ದುಡ್ಡಿನ ಕಥೆ ಹೇಳುವಂಥದ್ದೇನಿಲ್ಲ, ಹಾಕಿದ್ದರಲ್ಲಿ ಮುಕ್ಕಾಲು ಪಾಲು ಬಂತು.

ಆದರೆ ಮಂಡ್ಯದ ಥಿಯೇಟರಿನಲ್ಲಿ ಮೊದಲ ಶೋ ನೋಡುತ್ತ ಕೂತಾಗ ಟಿವಿ ನನಗೆ ಕಲಿಸದೇ ಇದ್ದ ಪಾಠ ಸಿಕ್ಕಿತು. ನಾನೂರು ಜನ ಒಟ್ಟಿಗೆ ನಕ್ಕರೆ ಆ ನಗು ನಾಲ್ಕೈದು ಸೆಕೆಂಡು ಇರುತ್ತದೆ. ನನ್ನ ಮುಂದಿನ ಎರಡು ಡೈಲಾಗು ಅದರಡಿ ಮುಳುಗಿಹೋದವು. ಅದರಲ್ಲಿ ಒಂದು ಕಥೆಗೆ ಬೇಕೇ ಬೇಕಾದ ಮಾತು. ಟಿವಿ ನೋಡುವ ಮನೆಯಲ್ಲಿ ನಾಲ್ಕು ಜನ, ಅಲ್ಲಿ ನಗುವಿಗೆ ಜಾಗ ಬಿಟ್ಟರೆ ಸೀನು ಸತ್ತಂತೆ ಕಾಣುತ್ತದೆ. ಥಿಯೇಟರಿಗೆ ಜಾಗ ಬಿಡಲೇಬೇಕು, ಅದು ಖಾಲಿಯೂ ಇರಬಾರದು. ಈಗ ದೊಡ್ಡ ನಗು ಬರುವ ಮಾತಿನ ಹಿಂದೆ ಮಾತಿಲ್ಲದ ಒಂದು ಕೆಲಸ ಇಡುತ್ತೇನೆ: ಒಬ್ಬಳು ಎಲೆ ಅಡಿಕೆ ಮಡಿಸುವುದು, ಒಬ್ಬ ಚಪ್ಪಲಿ ಹುಡುಕುವುದು. ನಗು ಇಳಿಯುವವರೆಗೆ ಕಣ್ಣಿಗೆ ಕೆಲಸ ಇರುತ್ತದೆ, ಕಿವಿಗೆ ನಷ್ಟವಾಗುವುದಿಲ್ಲ.

ಈಗ ಮೈಸೂರಿನ ಕುವೆಂಪುನಗರದ ಮನೆಯಲ್ಲಿ ಕೂತು ಆಲೆಮನೆಯೊಂದರ ಸುತ್ತ ನಡೆಯುವ ಆರು ಕಂತಿನ ಕಥೆ ಬರೆದು ಮುಗಿಸಿದ್ದೇನೆ. ಪಾತ್ರ ಮಾಡುವವರಲ್ಲಿ ಒಂಬತ್ತು ಜನ ನಮ್ಮೂರಿನವರೇ, ನಾಟಕದಲ್ಲಿ ಪದ್ಯ ಹೇಳಿ ಅಭ್ಯಾಸ ಇರುವವರು. ಕಾಲ್‌ಶೀಟ್ ಕೇಳಲು ಹೋದಾಗ ಭೀಮನ ಪಾತ್ರದ ಮಾವ ಹೇಳಿದರು: "ಕಟ್ಟು ನೀರು ನಡೀತಾ ಐತೆ ಕಣಪ್ಪಾ, ನೀರು ನಿಲ್ಸಿರೋ ದಿನ ಮಡಿಕೊ ನಿನ್ ಶೂಟಿಂಗ್‌ನ." ಕಟ್ಟು ನೀರೆಂದರೆ ಸರದಿಯ ಮೇಲೆ ಬಿಡುವ ನೀರು. ನಾಲೆಗೆ ನೀರು ಬಿಡುವ ದಿನಗಳ ಪಟ್ಟಿ ತರಿಸಿ ಗೋಡೆಗೆ ಅಂಟಿಸಿದ್ದೇನೆ. ನೀರು ನಿಲ್ಲುವ ದಿನಗಳಿಗೆ ಹಸಿರು ಗುರುತು ಹಾಕಿ ಶೆಡ್ಯೂಲ್ ಕಟ್ಟುತ್ತಿದ್ದೇನೆ.